ಗಗನವನ್ನು ಹೊತ್ತ ಕಂಬಗಳು

ಹಿಂದೂಪುರ, ಮಡಕಶಿರ, ಪೆನುಕೊಂಡೆ, ಕಲ್ಯಾಣದುರ್ಗಗಳನ್ನೊಳಗೊಂಡ ಸೀಮೆಯಲ್ಲಿ ಸಂಚರಿಸುವವರಿಗೆ ಮೊದಲು ಕಣ್ಣಿಗೆ ಬೀಳುವುದು ಬಂಡೆ. ಊರು ಕಾಣಿಸುವುದು ತರುವಾಯ. ಎತ್ತರವನ್ನು ಪ್ರಕೃತಿಯೇ ಧಾರಾಳವಾಗಿ ದಯಪಾಲಿಸಿರುವ ಈ ನೆಲದಲ್ಲಿ ಉನ್ನತ ಸ್ಥಾನವನ್ನು ಬಯಸಿದ ಅರಸನು ಬೆಟ್ಟದ ನೆತ್ತಿಗೆ ಕೋಟೆ ಸುತ್ತಿಸಿದನೇ ಹೊರತು ಬಯಲಿನಲ್ಲಿ ಬೆಟ್ಟದಂಥ ಕಟ್ಟಡವನ್ನು ಎಬ್ಬಿಸಲಿಲ್ಲ. ರೈತನು ಕಲ್ಲುಗೋಡೆಯ ಮೇಲೆ ತೊಲೆ ಜಂತಿಗಳನ್ನು ಹಾಸಿ, ಮಣ್ಣು ಮೆತ್ತಿ, ಆ ತಗ್ಗು ಮಾಳಿಗೆಯ ಮೇಲೆ ಹುಣಸೆಹಣ್ಣನ್ನೂ ಮೆಣಸಿನಕಾಯಿಯನ್ನೂ ಒಣಗಿಸಿಕೊಂಡು ತೃಪ್ತನಾದನು. ಇಂಥ ಸೀಮೆಯ ಹೆಸರನ್ನು ಅಮೆರಿಕದ ಷಿಕಾಗೋ ನಗರದ ಗಗನಚುಂಬಿಗಳ ಜೊತೆಗೆ ಎತ್ತುವುದು ವಿಪರೀತವೆಂದು ತೋರಬಹುದು. ಆದರೆ ಗಗನಚುಂಬಿಯ ಇತಿಹಾಸವೆಂದರೆ ಕಟ್ಟಡದ ಭಾರವನ್ನು ಹೊರತಕ್ಕುದು ಗೋಡೆಯೋ ಕಂಬವೋ ಎಂಬ ಪ್ರಶ್ನೆಗೆ ಮನುಷ್ಯನು ಕಾಲಕಾಲಕ್ಕೆ ಕೊಟ್ಟ ಉತ್ತರಗಳ ಇತಿಹಾಸ. ಆ ಉತ್ತರಗಳಲ್ಲಿ ಮೊದಲಿನ ಕೆಲವು ಇಲ್ಲಿಯೇ ಕಲ್ಲಿನಲ್ಲಿ ನಿಂತಿವೆ.

ಕಲ್ಯಾಣದುರ್ಗದ ಸಮೀಪದ ಮುದಿಗಲ್ಲಿನಲ್ಲಿ ಬೃಹಚ್ಛಿಲಾಯುಗದ ಸಮಾಧಿಗಳ ದೊಡ್ಡದೊಂದು ಸಮೂಹವಿದೆ. ಚಪ್ಪಡಿಗಳನ್ನು ನೆಟ್ಟಗೆ ನಿಲ್ಲಿಸಿ, ಮೇಲೆ ಮತ್ತೊಂದು ಚಪ್ಪಡಿಯನ್ನು ಮುಚ್ಚಿದ ಆ ರಚನೆಯಲ್ಲಿ ನಿಂತ ಕಲ್ಲೇ ಗೋಡೆ, ಅದೇ ಕಂಬ. ಹೊರುವ ಕೆಲಸವೂ ಮರೆಮಾಡುವ ಕೆಲಸವೂ ಇನ್ನೂ ಬೇರೆಬೇರೆಯಾಗಿಲ್ಲ. ಅವು ಬೇರ್ಪಟ್ಟುದನ್ನು ಕಾಣಬೇಕಾದರೆ ಹಿಂದೂಪುರದಿಂದ ಹದಿನೈದು ಕಿಲೋಮೀಟರಿನಷ್ಟು ದೂರದ ಲೇಪಾಕ್ಷಿಗೆ ಬರಬೇಕು. ವಿಜಯನಗರದ ಅಚ್ಯುತರಾಯನ ಕಾಲದಲ್ಲಿ, ಹದಿನಾರನೆಯ ಶತಮಾನದ ಪೂರ್ವಾರ್ಧದಲ್ಲಿ, ವಿರೂಪಣ್ಣ ಮತ್ತು ವೀರಣ್ಣರೆಂಬ ಸಹೋದರರು ಕೂರ್ಮಶೈಲವೆಂಬ ತಗ್ಗು ಬಂಡೆಗುಡ್ಡದ ಮೇಲೆ ಕಟ್ಟಿಸಿದ ಈ ವೀರಭದ್ರ ದೇವಾಲಯದ ಪ್ರಾಕಾರದಲ್ಲಿ ಕನ್ನಡ ಶಾಸನಗಳನ್ನು ಇಂದಿಗೂ ಓದಬಹುದು. ಇಲ್ಲಿಯ ನಾಟ್ಯಮಂಟಪದೊಳಗೆ ನಿಂತು ನೋಡಿದರೆ, ಮೇಲ್ಛಾವಣಿಯ ಭಾರವೆಲ್ಲವೂ ಕಂಬಗಳ ಮೇಲೆಯೇ ಇಳಿದಿರುವುದೂ, ಅವುಗಳ ನಡುವೆ ಗೋಡೆಯೆಂಬುದೇ ಇಲ್ಲದೆ ಬೆಳಕೂ ಗಾಳಿಯೂ ಯಥೇಚ್ಛವಾಗಿ ಹಾಯುವುದೂ ಸ್ಪಷ್ಟವಾಗುತ್ತದೆ. ಕಟ್ಟಡಕ್ಕೆ ಅಸ್ಥಿಪಂಜರ ಸಾಕು, ಗೋಡೆ ಐಚ್ಛಿಕವೆಂಬ ತತ್ತ್ವವನ್ನು ಇಲ್ಲಿಯ ಸ್ಥಪತಿಗಳು ಗ್ರಂಥದಲ್ಲಿ ಬರೆಯಲಿಲ್ಲ, ಮಂಟಪದಲ್ಲಿ ನಿಲ್ಲಿಸಿದರು.

ಆ ಮಂಟಪದ ಅಂಚಿನಲ್ಲಿಯೇ ಜನ ಮುತ್ತಿಕೊಳ್ಳುವ ತೂಗುಕಂಬವಿದೆ. ಅದರ ಬುಡ ನೆಲಹಾಸನ್ನು ಪೂರ್ತಿಯಾಗಿ ಮುಟ್ಟುವುದಿಲ್ಲ. ಯಾತ್ರಿಕರು ಟವಲನ್ನೋ ಸೀರೆಯ ಸೆರಗನ್ನೋ ಒಂದು ಕಡೆಯಿಂದ ತೂರಿಸಿ ಇನ್ನೊಂದು ಕಡೆಯಿಂದ ಎಳೆದುಕೊಂಡು ಶುಭವಾಯಿತೆಂದು ಸಂತೋಷಪಡುತ್ತಾರೆ. ಬ್ರಿಟಿಷ್ ಇಂಜಿನಿಯರನೊಬ್ಬನು ಇದರ ಮರ್ಮವನ್ನು ತಿಳಿಯಲು ಹೋಗಿ ಕಂಬವನ್ನು ಅಲುಗಿಸಿದನೆಂದು ಸ್ಥಳೀಯರು ಹೇಳುವುದುಂಟು. ಪವಾಡವನ್ನು ಬದಿಗಿಟ್ಟು ನೋಡಿದರೆ ಈ ಕಂಬ ಕಲಿಸುವ ಪಾಠವೊಂದಿದೆ: ಸುಮಾರು 70 ಕಂಬಗಳ ಸಮುದಾಯದಲ್ಲಿ ಒಂದು ತನ್ನ ಕರ್ತವ್ಯದಿಂದ ವಿಮುಖವಾದರೂ ಅದರ ಪಾಲಿನ ಹೊರೆಯನ್ನು ನೆರೆಯವು ಹಂಚಿಕೊಳ್ಳುತ್ತವೆ.

ಹಾಗಾದರೆ ಈ ಮಂಟಪದ ಮೇಲೊಂದು ಮಂಟಪ, ಅದರ ಮೇಲೆ ಮತ್ತೊಂದು, ಹೀಗೆ ಏಕೆ ಏರಲಿಲ್ಲ? ಕಲ್ಲಿನ ಸ್ವಭಾವವೇ ಮೊದಲ ಕಾರಣ. ಇಲ್ಲಿಯ ಕಲ್ಲುಕುಟಿಗರು ಬಂಡೆಯ ಮೇಲೆ ಸಾಲಾಗಿ ಚಿಕ್ಕ ಗುಳಿಗಳನ್ನು ತೋಡಿ, ಅವುಗಳಲ್ಲಿ ಬೆಣೆಗಳನ್ನಿಟ್ಟು, ಸುತ್ತಿಗೆಯ ಪೆಟ್ಟನ್ನು ಕ್ರಮವಾಗಿ ಕೊಡುತ್ತ ಹೋದರೆ ಆನೆಯ ಭಾರಕ್ಕೂ ಜಗ್ಗದ ಕಗ್ಗಲ್ಲು ಗೆರೆ ಎಳೆದಂತೆ ಸೀಳಿಕೊಳ್ಳುತ್ತದೆ. ಮೇಲಿನಿಂದ ಅದುಮಿದರೆ ಎಷ್ಟನ್ನಾದರೂ ತಾಳುವ ಕಲ್ಲು, ಎಳೆದರೆ ಅಥವಾ ಬಾಗಿಸಿದರೆ ಬಿರಿಯುವುದು. ಆದುದರಿಂದ ಕಲ್ಲಿನ ತೊಲೆಯನ್ನು ಹೆಚ್ಚು ದೂರ ಚಾಚುವಂತಿಲ್ಲ, ಕಂಬಗಳನ್ನು ಒತ್ತೊತ್ತಾಗಿ ನಿಲ್ಲಿಸದೆ ಗತ್ಯಂತರವಿಲ್ಲ. ಎರಡನೆಯ ಕಾರಣವು ಮನುಷ್ಯನ ಕಾಲು: ಐದಾರು ಮಹಡಿಗಳಾಚೆಗೆ ನಿತ್ಯವೂ ಮೆಟ್ಟಿಲು ಹತ್ತಿ ಬಾಳುವ ಉತ್ಸಾಹ ಯಾರಿಗೂ ಇರಲಿಲ್ಲ. ವಿಜಯನಗರದ ಗೋಪುರಗಳು ಬುಡವನ್ನು ಕಲ್ಲಿನಲ್ಲಿ ಕಟ್ಟಿ, ಮೇಲಿನದನ್ನು ಹಗುರವಾದ ಇಟ್ಟಿಗೆ ಗಾರೆಗಳಲ್ಲಿ ಏರಿಸಿ ಬಹಳ ಎತ್ತರಕ್ಕೆ ಹೋದುವು. ಹಂಪೆಯ ವಿರೂಪಾಕ್ಷನ ಪೂರ್ವಗೋಪುರ 9 ಅಂತಸ್ತುಗಳಲ್ಲಿ ಸುಮಾರು 50 ಮೀಟರು ಏರಿದೆ. ಆದರೆ ಆ ಅಂತಸ್ತುಗಳಲ್ಲಿ ವಾಸಿಸಿದವರು ಗಾರೆಯ ದೇವತೆಗಳು ಮಾತ್ರ. ವಿಜಯಪುರದಲ್ಲಿ 1656ರ ಗೋಲಗುಮ್ಮಟವೂ ಹೆಚ್ಚುಕಡಿಮೆ ಅಷ್ಟೇ ಎತ್ತರವನ್ನು ಮುಟ್ಟಿತಾದರೂ ಅದಕ್ಕಾಗಿ ಸುಮಾರು 3 ಮೀಟರು ದಪ್ಪದ ಗೋಡೆಗಳನ್ನು ತೆರಬೇಕಾಯಿತು.

ಇನ್ನು ಷಿಕಾಗೋ. ಆ ನಗರದ ಬುಡದಲ್ಲಿ ನಮ್ಮ ಕಗ್ಗಲ್ಲಿಲ್ಲ, ಮೆತ್ತನೆಯ ಜೇಡಿಯಿದೆ. ಬಂಡೆ ಬಹಳ ಆಳದಲ್ಲಿದೆ. ಎತ್ತರಕ್ಕೆ ಅಷ್ಟು ಅನನುಕೂಲವಾದ ನೆಲದಲ್ಲಿಯೇ ಎತ್ತರ ಹುಟ್ಟಿದುದಕ್ಕೆ ಕಾರಣಗಳು ಬೇರೆ. 1871ರ ಅಕ್ಟೋಬರಿನ ಮಹಾಗ್ನಿಯಲ್ಲಿ ಮರದ ನಗರ ಭಸ್ಮವಾಗಿ, ಸುಮಾರು ಒಂದು ಲಕ್ಷ ಜನ ನಿರ್ವಸಿತರಾದರು. ಮರಳಿ ಕಟ್ಟುವಾಗ ಸರೋವರ, ನದಿ, ರೈಲುದಾರಿಗಳ ನಡುವೆ ಇಕ್ಕಟ್ಟಾಗಿದ್ದ ವ್ಯಾಪಾರಕೇಂದ್ರದಲ್ಲಿ ಭೂಮಿಯ ಬೆಲೆ ಏರಿತು. ಪಕ್ಕಕ್ಕೆ ಹಬ್ಬಲು ಎಡೆಯಿಲ್ಲದ ಬಾಡಿಗೆಯ ಆಸೆ ಮೇಲಕ್ಕೆ ನೋಡಿತು. ಎಲಿಷಾ ಓಟಿಸ್ 1854ರಲ್ಲಿ ನ್ಯೂಯಾರ್ಕಿನ ಪ್ರದರ್ಶನದಲ್ಲಿ ತಾನೇ ನಿಂತಿದ್ದ ಲಿಫ್ಟಿನ ಹಗ್ಗವನ್ನು ಕಡಿಸಿ, ಅದು ಕೆಳಕ್ಕೆ ಬೀಳದೆ ನಿಲ್ಲುವುದನ್ನು ಜನರಿಗೆ ತೋರಿಸಿ ಮೆಟ್ಟಿಲಿನ ಸಮಸ್ಯೆಗೆ ಆಗಲೇ ಪರಿಹಾರವನ್ನು ಕೊಟ್ಟಿದ್ದನು. ಉಳಿದುದು ಗೋಡೆಯ ಸಮಸ್ಯೆ. 1885ರಲ್ಲಿ ವಿಲಿಯಂ ಲೆ ಬ್ಯಾರನ್ ಜೆನಿ ಎಂಬ ಇಂಜಿನಿಯರನು ಹೋಮ್ ಇನ್ಶುರೆನ್ಸ್ ಕಟ್ಟಡದ 10 ಮಹಡಿಗಳ ಭಾರದ ಬಹುಭಾಗವನ್ನು ಲೋಹದ ಕಂಬ ತೊಲೆಗಳಿಗೆ ವಹಿಸಿ, ಗೋಡೆಯನ್ನು ಹೊದಿಕೆಯ ಮಟ್ಟಕ್ಕೆ ಇಳಿಸಿದನು. ಉಕ್ಕು ಅದುಮುವಿಕೆಯನ್ನೂ ಎಳೆತವನ್ನೂ ಸಮಾನವಾಗಿ ತಾಳುವುದರಿಂದ, ಲೇಪಾಕ್ಷಿಯ ಮಂಟಪದ ಮೇಲೆ ಮಂಟಪವನ್ನೇರಿಸುವುದು ಆಗ ಸಾಧ್ಯವಾಯಿತೆಂದು ಹೇಳಬಹುದು.

ಈ ಸಂಧಿಕಾಲವನ್ನು ಒಂದೇ ಕಟ್ಟಡದಲ್ಲಿ ನೋಡಬೇಕೆನ್ನುವವರಿಗೆ ಅದೇ ನಗರದ ಮೊನಾಡ್ನಾಕ್ ಇದೆ. 1891ರಲ್ಲಿ ಮುಗಿದ ಅದರ ಉತ್ತರಾರ್ಧವು 16 ಮಹಡಿಗಳನ್ನು ಇಟ್ಟಿಗೆಯ ಗೋಡೆಯ ಮೇಲೆಯೇ ಹೊತ್ತುದರಿಂದ ಬುಡದಲ್ಲಿ ಗೋಡೆ 6 ಅಡಿ ದಪ್ಪವಾಯಿತು. ಬಾಡಿಗೆ ತರಬಹುದಾಗಿದ್ದ ಜಾಗವನ್ನು ಇಟ್ಟಿಗೆಯೇ ನುಂಗಿತು. ಆ ಹೊರೆಗೆ ಕಟ್ಟಡ ಜೇಡಿಮಣ್ಣಿನೊಳಕ್ಕೆ ಕುಸಿಯುತ್ತಲೂ ಬಂದಿತು. ಎರಡು ವರ್ಷಗಳ ತರುವಾಯ ಕಟ್ಟಿದ ದಕ್ಷಿಣಾರ್ಧಕ್ಕೆ ಉಕ್ಕಿನ ಪಂಜರವನ್ನಿಟ್ಟರು. ಅಲ್ಲಿಗೆ ಹೊರುವ ಗೋಡೆಯ ಯುಗ ಮುಗಿಯಿತು. ಮುಂದೆ ಢಾಕಾದಲ್ಲಿ 1929ರಲ್ಲಿ ಜನಿಸಿದ ಫಜ್ಲುರ್ ರಹಮಾನ್ ಖಾನ್ ಷಿಕಾಗೋವಿನಲ್ಲಿ ಕೆಲಸಕ್ಕೆ ನಿಂತಾಗ, ನೂರು ಮಹಡಿಗಳ ಎತ್ತರದಲ್ಲಿ ಭಾರಕ್ಕಿಂತಲೂ ಗಾಳಿಯೇ ಪ್ರಬಲ ಶತ್ರುವೆಂಬುದನ್ನು ಗಮನಿಸಿ, ಕಂಬಗಳನ್ನು ಹೊರ ಅಂಚಿಗೆ ತಂದು ಇಡೀ ಕಟ್ಟಡವನ್ನೇ ಕೊಳವೆಯಾಗಿ ಮಾಡಿದನು. ಅಂಥ 9 ಕೊಳವೆಗಳ ಕಟ್ಟು, 1970ರ ದಶಕದಲ್ಲಿ ಎದ್ದು ನಿಂತ 110 ಮಹಡಿಗಳ, 442 ಮೀಟರು ಎತ್ತರದ, ಆಗ ಸಿಯರ್ಸ್ ಟವರ್ ಎನಿಸಿದ್ದ ಕಟ್ಟಡ.

ಆ ದಶಕದಲ್ಲಿಯೇ ಎತ್ತರವು ನಮ್ಮ ಸೀಮೆಯ ನೆರೆಗೆ ಬಂದಿತು. 1956ರಲ್ಲಿ ಮುಗಿದ ವಿಧಾನಸೌಧದಲ್ಲಿ ಕಲ್ಲುಕೆಲಸದ ವೈಭವವನ್ನು ತೋರಿದ ಬೆಂಗಳೂರು, ಮಹಾತ್ಮ ಗಾಂಧಿ ರಸ್ತೆಯಲ್ಲಿ ನಗರಪಾಲಿಕೆಯ 25 ಮಹಡಿಗಳ ಯುಟಿಲಿಟಿ ಬಿಲ್ಡಿಂಗನ್ನು ಕಾಂಕ್ರೀಟಿನಲ್ಲಿ ಎಬ್ಬಿಸಿತು. ಬಹುಕಾಲ ಅದಕ್ಕಿಂತ ಎತ್ತರವಾದುದು ನಗರದಲ್ಲಿರಲಿಲ್ಲ. ಹಿಂದೂಪುರದಿಂದ ರೈಲಿನಲ್ಲಿಯೂ ಬಸ್ಸಿನಲ್ಲಿಯೂ ಬೆಂಗಳೂರಿಗೆ ಹೋಗುವವರು ಇಂದು ಮಲ್ಲೇಶ್ವರದ ಬಳಿ 2010ರ 128 ಮೀಟರಿನ ವರ್ಲ್ಡ್ ಟ್ರೇಡ್ ಸೆಂಟರನ್ನು ಕಾಣುತ್ತಾರೆ. ಮುರುಡೇಶ್ವರದಲ್ಲಂತೂ 20 ಅಂತಸ್ತುಗಳ ರಾಜಗೋಪುರದೊಳಕ್ಕೆ ಲಿಫ್ಟನ್ನೇ ಇಳಿಸಿ, ದೇವತೆಗಳಿಗೆ ಮಾತ್ರ ಮೀಸಲಾಗಿದ್ದ ಎತ್ತರಕ್ಕೆ ಭಕ್ತರನ್ನೂ ಏರಿಸಿದ್ದಾರೆ. ಈ ಏರಿಕೆಗೆ ತೆತ್ತ ಬೆಲೆಯೂ ಸಣ್ಣದಲ್ಲ: 1983ರಲ್ಲಿ ಬೆಂಗಳೂರಿನ ಗಂಗಾರಾಂ ಕಟ್ಟಡ ನಿರ್ಮಾಣದ ಹಂತದಲ್ಲಿಯೇ ಕುಸಿದು ನೂರಕ್ಕೂ ಹೆಚ್ಚು ಮಂದಿ ಮಡಿದರು, 2010ರಲ್ಲಿ ಕಾರ್ಲ್‌ಟನ್ ಟವರ್ಸ್‌ನ ಬೆಂಕಿ ಹೊಗೆಗಳಲ್ಲಿ 9 ಮಂದಿ ಪ್ರಾಣ ಕಳೆದುಕೊಂಡರು.

ಹಿಂದೂಪುರದಲ್ಲಿಯೂ ಕಲ್ಯಾಣದುರ್ಗದಲ್ಲಿಯೂ ಗಗನಚುಂಬಿಯಿಲ್ಲವೆಂಬುದು ನಿಜ; ಆದರೆ ಅದರ ಅಸ್ಥಿಪಂಜರ ಆಗಲೇ ಬಂದಿದೆ. ಪೇಟೆಯ ಬೀದಿಯಲ್ಲಿ ಹಳೆಯ ಮಾಳಿಗೆಯನ್ನು ಕೆಡವಿ ಮನೆ ಕಟ್ಟಿಸುವ ಯಜಮಾನನು ಇಂದು ಗೋಡೆಯ ಮಾತನ್ನೇ ಎತ್ತುವುದಿಲ್ಲ. ಎಷ್ಟು ಪಿಲ್ಲರ್ ಬರುತ್ತವೆ, ತಾರಸಿಯ ಮೋಲ್ಡ್ ಯಾವಾಗ ಹಾಕುವುದು ಎಂದು ಮೇಸ್ತ್ರಿಯನ್ನು ಕೇಳುತ್ತಾನೆ. ಕಾಂಕ್ರೀಟು ಕಲ್ಲಿನಂತೆ ಅದುಮುವಿಕೆಯನ್ನು ತಾಳುವುದು, ಅದರೊಳಗಿನ ಕಂಬಿ ಎಳೆತವನ್ನು ತಾಳುವುದು. ಇಟ್ಟಿಗೆಯನ್ನು ಕಟ್ಟಕಡೆಗೆ, ಪಿಲ್ಲರುಗಳ ನಡುವಿನ ತೆರಪನ್ನು ಮುಚ್ಚುವುದಕ್ಕೆ ಮಾತ್ರ ತರುತ್ತಾರೆ. ಎರಡು ಮಹಡಿಗಳ ಮನೆಯ ತಾರಸಿಯ ಮೇಲೆ ಮಗನ ಕಾಲಕ್ಕೆ ಮೂರನೆಯದು ಬರಲೆಂದು ಚಾಚಿಸಿ ಬಿಟ್ಟ ಕಂಬಿಗಳು, ಮಳೆಗೆ ನೆನೆದು, ತುಕ್ಕು ಹಿಡಿದು, ತಮ್ಮ ಸರದಿಯನ್ನು ಕಾಯುತ್ತಿರುತ್ತವೆ. ಆ ಮೂರನೆಯ ಮಹಡಿಯನ್ನು ಏರಿಸುವ ದಿನ, ತಳಹದಿ ಎಷ್ಟಕ್ಕೆಂದು ಹಾಕಿದ್ದು, ಕಂಬಿಯಲ್ಲಿ ಸತ್ತ್ವ ಎಷ್ಟು ಉಳಿದಿದೆ ಎಂದು ಲೆಕ್ಕ ಹಾಕಿಸುವವರು ವಿರಳ. ಲೇಪಾಕ್ಷಿಯ ಸ್ಥಪತಿಗೆ ನೆರೆಯ ಕಂಬಗಳ ಧಾರಾಳವಿತ್ತು, ಷಿಕಾಗೋವಿನ ಇಂಜಿನಿಯರಿಗೆ ಗಣಿತದ ಬಲವಿತ್ತು. ಮೂವತ್ತು ಅಡಿ ಅಗಲದ ನಿವೇಶನದಲ್ಲಿ ಕಟ್ಟುವವರಿಗೆ ಮೊದಲನೆಯದಕ್ಕೆ ಜಾಗವಿಲ್ಲವಾದುದರಿಂದ ಎರಡನೆಯದನ್ನು ಬಿಡುವಂತಿಲ್ಲ. ಮನೆ ಎಷ್ಟು ಎತ್ತರಕ್ಕೆ ಹೋಗಬೇಕೆಂಬುದನ್ನು ಎಲ್ಲ ಊರುಗಳಲ್ಲಿಯೂ ಭೂಮಿಯ ಬೆಲೆ ನಿರ್ಣಯಿಸುತ್ತದೆ; ಅದು ಎಷ್ಟು ಕಾಲ ನಿಲ್ಲಬೇಕೆಂಬುದನ್ನು ಮಾತ್ರ ಕಂಬವೂ ಅದನ್ನು ಲೆಕ್ಕವಿಟ್ಟು ನಿಲ್ಲಿಸಿದವನೂ ನಿರ್ಣಯಿಸಬೇಕು.