‘ತಾನಾ ಬಂದೈತ್ರಿ’: ಕೇಳದೆ ಫೋನು ಸೇರುವ ಆ್ಯಪ್‌ಗಳು

ಕೊಪ್ಪಳದ ಜವಾಹರ ರಸ್ತೆಯಲ್ಲೋ ಕುಷ್ಟಗಿಯ ಬಸ್ ನಿಲ್ದಾಣದ ಬಳಿಯೋ ಮೊಬೈಲ್ ಅಂಗಡಿಯೊಂದರ ಮುಂದೆ ಅರ್ಧ ತಾಸು ನಿಂತರೆ ಸಾಕು, ಈ ದೂರು ಕಿವಿಗೆ ಬೀಳುತ್ತದೆ: “ಫೋನ್ ಭಾಳ ಸ್ಲೋ ಆಗೇತ್ರಿ. ಏನೇನೋ ತುಂಬ್ಕೊಂಡೈತಿ. ನಾ ಏನೂ ಒತ್ತಿಲ್ರಿ, ತಾನಾ ಬಂದೈತ್ರಿ.” ತೆರೆದು ನೋಡಿದರೆ ಒಂದು ರಮ್ಮಿ ಆಟ, ಐದೇ ನಿಮಿಷದಲ್ಲಿ ಸಾಲ ಕೊಡುತ್ತೇನೆನ್ನುವ ಆ್ಯಪ್, ಮನೆಯಲ್ಲಿ ಯಾರೂ ಹೆಸರು ಕೇಳಿರದ ಶಾಪಿಂಗ್ ಆ್ಯಪ್, ಫೋನನ್ನು ಸ್ವಚ್ಛ ಮಾಡಿಕೊಡುತ್ತೇನೆನ್ನುವ ಇನ್ನೊಂದು. ದಿನದ ಒಂದೂವರೆ ಜಿಬಿ ಡೇಟಾ ಮಧ್ಯಾಹ್ನಕ್ಕೇ ಮುಗಿದಿರುತ್ತದೆ.

ದೂರು ಸುಳ್ಳಲ್ಲ. ಆದರೆ ಆಂಡ್ರಾಯ್ಡ್ ಫೋನಿಗೆ ಯಾವ ಆ್ಯಪೂ ಗಾಳಿಯಲ್ಲಿ ತೇಲಿ ಬರುವುದಿಲ್ಲ. ಬರುವ ದಾರಿಗಳು ಮುಖ್ಯವಾಗಿ ನಾಲ್ಕು. ಒಂದನ್ನು ಫೋನ್ ಕಂಪನಿಯೇ ತೆರೆದಿಟ್ಟಿರುತ್ತದೆ. ಇನ್ನೊಂದು, ಹೊಸ ಫೋನು ಚಾಲೂ ಮಾಡುವ ಅವಸರದಲ್ಲಿ ತೆರೆದುಕೊಳ್ಳುತ್ತದೆ. ಮೂರನೆಯದು ಬೇರೊಬ್ಬರ ಗೂಗಲ್ ಖಾತೆ. ನಾಲ್ಕನೆಯದು ವಾಟ್ಸ್‌ಆ್ಯಪ್‌ನಲ್ಲಿ ಬರುವ ಎಪಿಕೆ ಫೈಲು. ಎಲ್ಲಕ್ಕಿಂತ ಅಪಾಯದ ದಾರಿ ಅದೇ. ಯಾವ ದಾರಿಯಿಂದ ಬಂದಿದೆ ಎಂಬುದು ಗೊತ್ತಾದರೆ ಅದನ್ನು ಮುಚ್ಚುವುದು ಹತ್ತು ನಿಮಿಷದ ಕೆಲಸ.

ಕೊಪ್ಪಳ ಜಿಲ್ಲೆಯಲ್ಲಿ ಈ ಹತ್ತು ನಿಮಿಷಕ್ಕೆ ಬೆಲೆ ಹೆಚ್ಚು. 2011ರ ಜನಗಣತಿಯಂತೆ ಸುಮಾರು 13.9 ಲಕ್ಷ ಜನರಿರುವ, ಸಾಕ್ಷರತೆ ಶೇ 68ರಷ್ಟಿದ್ದ, ಬಹುಪಾಲು ಹಳ್ಳಿಗಳೇ ಇರುವ ಜಿಲ್ಲೆ ಇದು. ಗಂಗಾವತಿಯ ಭತ್ತದ ರೈತನಿಗೂ ಯಲಬುರ್ಗಾದ ಮಳೆಯಾಶ್ರಿತ ಹೊಲದವನಿಗೂ ಈಗ ಫೋನೇ ಕಚೇರಿ. ಪಿಎಂ ಕಿಸಾನ್ ಯೋಜನೆಯ ವರ್ಷದ 6,000 ರೂಪಾಯಿ ಜಮೆಯಾದ ಸುದ್ದಿ ಅದಕ್ಕೇ ಬರುತ್ತದೆ. ಗೃಹಲಕ್ಷ್ಮಿಯ 2,000 ರೂಪಾಯಿಯ ಮೆಸೇಜೂ ಅದಕ್ಕೇ. 2020ರ ಮುಂಗಾರಿನಿಂದ ಬೆಳೆ ಸಮೀಕ್ಷೆಯನ್ನು ರೈತರೇ ಮೊಬೈಲಿನಲ್ಲಿ ಮಾಡಲು ಸರ್ಕಾರ ಅವಕಾಶ ಕೊಟ್ಟಿದೆ: ಹೊಲದಲ್ಲೇ ನಿಂತು ಫೋಟೊ ತೆಗೆದು ಆ್ಯಪ್‌ಗೆ ಹಾಕಬೇಕು. ಬೇಡದ ಆ್ಯಪ್‌ಗಳಿಂದ ಜಾಗ ತುಂಬಿದ ಫೋನಿನಲ್ಲಿ ಬೇಕಾದ ಆ್ಯಪೇ ಇಳಿಯುವುದಿಲ್ಲ, ಇಳಿದರೂ ಫೋಟೊ ಹೋಗುವುದಿಲ್ಲ.

ಕಂಪನಿ ತೆರೆದಿಟ್ಟ ಬಾಗಿಲು

ಸಾಮಾನ್ಯ ಆ್ಯಪೊಂದು ಇನ್ನೊಂದು ಆ್ಯಪನ್ನು ಫೋನಿಗೆ ಹಾಕಬೇಕಾದರೆ ಮಾಲೀಕರ ಒಪ್ಪಿಗೆ ಕೇಳಲೇಬೇಕು. ಆಂಡ್ರಾಯ್ಡ್‌ನ ಕಟ್ಟುಪಾಡು ಹಾಗಿದೆ. ಫೋನ್ ತಯಾರಕರು ಕಾರ್ಖಾನೆಯಲ್ಲೇ ಒಳಗಿಟ್ಟು ಕಳಿಸುವ ಸಿಸ್ಟಂ ಆ್ಯಪ್‌ಗಳಿಗೆ ಮಾತ್ರ ಈ ಕಟ್ಟುಪಾಡು ಸಡಿಲ. ವಿಶೇಷ ಅನುಮತಿ ಪಡೆದ ಅಂಥ ಆ್ಯಪ್‌ಗಳು ಸದ್ದಿಲ್ಲದೆ ಬೇರೆ ಆ್ಯಪ್‌ಗಳನ್ನು ಇಳಿಸಬಲ್ಲವು. ಶಿಯೋಮಿ ಫೋನುಗಳ ಗೆಟ್‌ಆ್ಯಪ್ಸ್, ರಿಯಲ್‌ಮಿ ಮತ್ತು ಒಪ್ಪೊಗಳ ಆ್ಯಪ್ ಮಾರ್ಕೆಟ್, ವಿವೊದ ವಿ-ಆ್ಯಪ್‌ಸ್ಟೋರ್, ಸ್ಯಾಮ್‌ಸಂಗ್‌ನ ಕೆಲವು ಎ ಮತ್ತು ಎಂ ಸರಣಿಯ ಫೋನುಗಳಲ್ಲಿರುವ ಆ್ಯಪ್‌ಕ್ಲೌಡ್ ಹೀಗೆ ಫೋನಿನ ಜೊತೆಗೇ ಬರುತ್ತವೆ. ಮುಖಪುಟದಲ್ಲಿ ‘ಹಾಟ್ ಆ್ಯಪ್ಸ್’, ‘ಹಾಟ್ ಗೇಮ್ಸ್’ ಎಂಬ ಫೋಲ್ಡರ್ ಕಂಡರೆ ಅದು ಜಾಹೀರಾತಿನ ಕಪಾಟು. ಮಕ್ಕಳ ಬೆರಳು ತಾಗಿದರೂ ಡೌನ್‌ಲೋಡ್ ಶುರುವಾಗಬಹುದು.

ಇದರ ಹಿಂದೆ ದುಡ್ಡಿನ ಲೆಕ್ಕವಿದೆ. ಹತ್ತು ಹನ್ನೆರಡು ಸಾವಿರದ ಫೋನಿನ ಮಾರಾಟದಲ್ಲಿ ಕಂಪನಿಗೆ ಉಳಿಯುವುದು ಕಡಿಮೆ. ತಮ್ಮ ಸಾಧನಗಳ ಮೇಲಿನ ನಿವ್ವಳ ಲಾಭ ಶೇ 5 ದಾಟುವುದಿಲ್ಲ ಎಂದು ಶಿಯೋಮಿಯ ಸಂಸ್ಥಾಪಕ ಲೇ ಜುನ್ 2018ರ ಏಪ್ರಿಲ್‌ನಲ್ಲಿ ಘೋಷಿಸಿದ್ದರು. ಉಳಿದ ಗಳಿಕೆಯಲ್ಲಿ ಜಾಹೀರಾತಿನಂಥ ಇಂಟರ್ನೆಟ್ ಸೇವೆಗಳ ಪಾಲು ದೊಡ್ಡದು. ತಮ್ಮ ಆ್ಯಪ್ ಜನರ ಫೋನಿನಲ್ಲಿ ಕೂರಲೆಂದು ಬೇರೆ ಕಂಪನಿಗಳು ರೊಕ್ಕ ಕೊಡುತ್ತವೆ. ಅಂದರೆ ಅಗ್ಗದ ಫೋನು ಕೊಂಡವರು ಬೆಲೆಯ ಒಂದು ಭಾಗವನ್ನು ಡೇಟಾ ಮತ್ತು ಮೆಮೊರಿಯ ರೂಪದಲ್ಲಿ ಕಂತು ಕಂತಾಗಿ ತೀರಿಸುತ್ತಾರೆ. ಲಕ್ಷ ರೂಪಾಯಿಯ ಫೋನಿನವರಿಗಿಂತ ಈ ಕಾಟ ಕೂಲಿಯವರ ಫೋನಿಗೆ ಹೆಚ್ಚು. ಇದು ನ್ಯಾಯವಲ್ಲ.

ಸ್ವತಃ ಫೋನ್ ಕಂಪನಿಗೂ ಗೊತ್ತಿಲ್ಲದೆ ಕೇಡು ಒಳಸೇರಿದ ಪ್ರಸಂಗಗಳೂ ಇವೆ. ಟ್ರಯಾಡ ಎಂಬ ಕುತಂತ್ರಾಂಶ ಕೆಲವು ಫೋನುಗಳಿಗೆ ತಯಾರಿಕೆಯ ಹಂತದಲ್ಲೇ ಹೊರಗುತ್ತಿಗೆದಾರರ ಮೂಲಕ ಸೇರಿತ್ತೆಂದು ಗೂಗಲ್ 2019ರಲ್ಲಿ ದೃಢಪಡಿಸಿತು. ಮರುವರ್ಷ ಆಫ್ರಿಕಾದ ಹಲವು ದೇಶಗಳಲ್ಲಿ ಬಡವರು ಕೊಂಡ ಟೆಕ್ನೊ ಡಬ್ಲ್ಯು2 ಎಂಬ ಅಗ್ಗದ ಫೋನಿನಲ್ಲಿ ಅದೇ ಟ್ರಯಾಡ ಪತ್ತೆಯಾಯಿತು. ಅದು ಮಾಲೀಕರಿಗೆ ತಿಳಿಯದಂತೆ ಆ್ಯಪ್‌ಗಳನ್ನು ಇಳಿಸಿ, ಹಣ ಕಟ್ಟಬೇಕಾದ ಸೇವೆಗಳಿಗೆ ಅವರನ್ನು ಚಂದಾದಾರರನ್ನಾಗಿಸಲು ನೋಡುತ್ತಿತ್ತು.

ಭಾರತದಲ್ಲೂ ಮೊದಲೇ ತುಂಬಿಸಿ ಕಳಿಸುವ ಆ್ಯಪ್‌ಗಳ ಬಗ್ಗೆ ದೊಡ್ಡ ವ್ಯಾಜ್ಯವೇ ನಡೆದಿದೆ. 2022ರ ಅಕ್ಟೋಬರ್ 20ರಂದು ಭಾರತೀಯ ಸ್ಪರ್ಧಾ ಆಯೋಗ ಗೂಗಲ್‌ಗೆ 1,337.76 ಕೋಟಿ ರೂಪಾಯಿ ದಂಡ ಹಾಕಿತು. ಗೂಗಲ್‌ನ ಆ್ಯಪ್‌ಗಳ ಇಡೀ ಗಂಟನ್ನು ಫೋನಿನಲ್ಲಿ ಕಡ್ಡಾಯವಾಗಿ ಇಡಿಸುವುದು ಆಯೋಗದ ಆಕ್ಷೇಪಗಳಲ್ಲಿ ಒಂದು. 2023ರ ಮಾರ್ಚ್‌ನಲ್ಲಿ ಮೇಲ್ಮನವಿ ನ್ಯಾಯಮಂಡಳಿ ಕೆಲವು ನಿರ್ದೇಶನಗಳನ್ನು ಕೈಬಿಟ್ಟರೂ ದಂಡವನ್ನು ಎತ್ತಿಹಿಡಿಯಿತು. ಸರ್ಕಾರಿ ಆ್ಯಪ್‌ಗೂ ಇದೇ ಪ್ರಶ್ನೆ ಎದುರಾಯಿತು. ಹೊಸ ಫೋನುಗಳಲ್ಲೆಲ್ಲ ಸಂಚಾರ್ ಸಾಥಿ ಆ್ಯಪ್ ಮೊದಲೇ ಇರಬೇಕೆಂದು ದೂರಸಂಪರ್ಕ ಇಲಾಖೆ 2025ರ ನವೆಂಬರ್ ಕೊನೆಯಲ್ಲಿ ಆದೇಶಿಸಿತ್ತು. ಕಳೆದುಹೋದ ಫೋನು ಹುಡುಕಲು ನೆರವಾಗುವ ಉಪಯುಕ್ತ ಆ್ಯಪ್ ಅದು. ಆದರೂ ಕಡ್ಡಾಯ ಮಾಡಿದ್ದಕ್ಕೆ ದೇಶದ ತುಂಬ ವಿರೋಧ ಎದ್ದು, ಡಿಸೆಂಬರ್ 3ರಂದು ಇಲಾಖೆ ಕಡ್ಡಾಯವನ್ನು ಹಿಂಪಡೆಯಿತು.

ಈ ಬಾಗಿಲು ಮುಚ್ಚುವ ಬಗೆ ಹೀಗೆ. ಸೆಟ್ಟಿಂಗ್ಸ್‌ನಲ್ಲಿ ‘ಆ್ಯಪ್ಸ್’ ತೆರೆದು ಮೇಲೆ ಹೇಳಿದ ಕಂಪನಿಯ ಅಂಗಡಿ ಆ್ಯಪನ್ನು ಹುಡುಕಿ, ‘ಅನ್‌ಇನ್‌ಸ್ಟಾಲ್’ ಇದ್ದರೆ ತೆಗೆಯಬೇಕು, ಇಲ್ಲದಿದ್ದರೆ ‘ಡಿಸೇಬಲ್’ ಒತ್ತಬೇಕು. ಎರಡೂ ಇಲ್ಲದಿದ್ದರೆ ಅದರ ನೋಟಿಫಿಕೇಶನ್ ಮತ್ತು ಹಿನ್ನೆಲೆ ಡೇಟಾ ಬಳಕೆಯನ್ನಾದರೂ ನಿಲ್ಲಿಸಬಹುದು. ಶಿಯೋಮಿ, ರೆಡ್‌ಮಿಗಳಲ್ಲಿ ಫೋಲ್ಡರ್ ತೆರೆದು ಅದರ ಹೆಸರಿನ ಮೇಲೆ ಒತ್ತಿದರೆ ‘ಪ್ರಮೋಟೆಡ್ ಆ್ಯಪ್ಸ್’ ಎಂಬ ಗುಂಡಿ ಸಿಗುತ್ತದೆ. ಅದನ್ನು ಆಫ್ ಮಾಡಬೇಕು. ಬೇರೆ ಕಂಪನಿಗಳಲ್ಲಿ ಸೆಟ್ಟಿಂಗ್ಸ್‌ನ ಹುಡುಕುವ ಜಾಗದಲ್ಲಿ ‘ರೆಕಮಂಡೇಶನ್’ ಎಂದು ಹುಡುಕಿದರೆ ಸಂಬಂಧಪಟ್ಟ ಗುಂಡಿ ಸಿಗುವುದುಂಟು.

ಅವಸರದ ಒಪ್ಪಿಗೆ, ಮಗನ ಖಾತೆ

ಹೊಸ ಫೋನಿನ ಡಬ್ಬಿ ಬಿಚ್ಚಿದಾಗ ಅಂಗಡಿಯಲ್ಲಿ ನೆರೆದವರಿಗೆಲ್ಲ ಅವಸರ. ತೆರೆಯ ಮೇಲೆ ಬರುವ ‘ನೆಕ್ಸ್ಟ್’, ‘ಅಗ್ರೀ’, ‘ಅಲೌ’ಗಳನ್ನು ಹುಡುಗರು ಪಟಪಟನೆ ಒತ್ತಿ ಮುಗಿಸುತ್ತಾರೆ. ಆ ಪುಟಗಳಲ್ಲೊಂದು ‘ಇವೂ ನಿಮಗೆ ಬೇಕಾಗಬಹುದು’ ಎಂದು ಆ್ಯಪ್‌ಗಳ ಪಟ್ಟಿ ಕೊಡುತ್ತದೆ. ಹಲವು ಫೋನುಗಳಲ್ಲಿ ಆ ಪಟ್ಟಿಗೆ ಮೊದಲೇ ಟಿಕ್ ಬಿದ್ದಿರುತ್ತದೆ. ಟಿಕ್ ತೆಗೆಯದೆ ಮುಂದೆ ಹೋದರೆ, ಮನೆ ಮುಟ್ಟಿ ಡೇಟಾ ಹಾಕಿದ ಮೇಲೆ ಅವೆಲ್ಲ ಒಂದೊಂದಾಗಿ ಇಳಿಯುತ್ತವೆ. ಕೊಂಡವರ ಕಣ್ಣಿಗೆ ಅವು ತಾನಾಗಿ ಬಂದವು. ಮೊದಲ ಪುಟದಲ್ಲೇ ಭಾಷೆಯನ್ನು ಕನ್ನಡಕ್ಕೆ ಬದಲಿಸಿದರೆ ಯಾವುದಕ್ಕೆ ಹೂಂ ಅನ್ನುತ್ತಿದ್ದೇವೆ ಎಂಬುದನ್ನಾದರೂ ಓದಬಹುದು.

ಕುಷ್ಟಗಿ, ಯಲಬುರ್ಗಾ ಕಡೆಯ ಎಷ್ಟೋ ಮನೆಗಳಲ್ಲಿ ದುಡಿಯುವವರು ಬೆಂಗಳೂರು, ಮಂಗಳೂರು, ಗೋವಾಗಳಿಗೆ ಗುಳೆ ಹೋಗುತ್ತಾರೆ. ಹಬ್ಬಕ್ಕೆ ಬಂದ ಮಗ ಅವ್ವನಿಗೆ ಫೋನು ತಂದುಕೊಟ್ಟು, ಅದರಲ್ಲಿ ತನ್ನದೇ ಗೂಗಲ್ ಖಾತೆ ಹಾಕಿ ಹೋದನೆನ್ನಿ. ಪ್ಲೇ ಸ್ಟೋರ್‌ನಲ್ಲಿ ‘ಸಿಂಕ್ ಆ್ಯಪ್ಸ್ ಟು ಡಿವೈಸಸ್’ ಎಂಬ ಸೌಲಭ್ಯ ಚಾಲೂ ಇದ್ದರೆ, ಅವನು ಬೆಂಗಳೂರಿನಲ್ಲಿ ಹಾಕಿಕೊಂಡ ಆ್ಯಪ್ ಊರಿನ ಫೋನಿನಲ್ಲೂ ಬಂದು ಕೂರಬಹುದು. ಪ್ಲೇ ಸ್ಟೋರ್‌ನ ಮೇಲ್ಮೂಲೆಯ ಚಿತ್ರ ಒತ್ತಿ ‘ಮ್ಯಾನೇಜ್ ಆ್ಯಪ್ಸ್ ಆ್ಯಂಡ್ ಡಿವೈಸ್’ಗೆ ಹೋಗಿ ಇದನ್ನು ಆಫ್ ಮಾಡಬೇಕು. ಅದಕ್ಕಿಂತ ಒಳ್ಳೆಯದು ಅವ್ವನ ಹೆಸರಿನಲ್ಲೇ ಒಂದು ಖಾತೆ ತೆರೆದುಕೊಡುವುದು. ಐಫೋನ್ ಇರುವವರೂ ಸೆಟ್ಟಿಂಗ್ಸ್‌ನ ‘ಆ್ಯಪ್ ಸ್ಟೋರ್’ ವಿಭಾಗದಲ್ಲಿ ಸ್ವಯಂಚಾಲಿತ ಡೌನ್‌ಲೋಡ್ ಗುಂಡಿಯನ್ನು ಆಫ್ ಮಾಡಬೇಕು. ಒಂದೇ ಆ್ಯಪಲ್ ಖಾತೆಯನ್ನು ಇಬ್ಬರು ಬಳಸುವಾಗ ಅಲ್ಲೂ ಹೀಗೇ ಆಗುತ್ತದೆ.

ಲಗ್ನಪತ್ರಿಕೆಯ ವೇಷದಲ್ಲಿ

ಮೇಲಿನವೆಲ್ಲ ಫೋನಿಗೆ ಭಾರ. ವಾಟ್ಸ್‌ಆ್ಯಪ್‌ನಲ್ಲಿ ಬರುವ ಎಪಿಕೆ ಫೈಲು ಬ್ಯಾಂಕ್ ಖಾತೆಗೇ ಕನ್ನ. ಪ್ಲೇ ಸ್ಟೋರ್‌ನ ಹೊರಗಿನಿಂದ ಆ್ಯಪ್ ಹಾಕುವ ಪೊಟ್ಟಣವೇ ಎಪಿಕೆ. ಮದುವೆ ಸುಗ್ಗಿಯಲ್ಲಿ ಅದು ಲಗ್ನಪತ್ರಿಕೆಯ ಹೆಸರಿನಲ್ಲಿ ಬರುತ್ತದೆ, ಕಂತಿನ ಹೊತ್ತಿಗೆ ಪಿಎಂ ಕಿಸಾನ್ ಹೆಸರಿನಲ್ಲಿ, ಬೈಕ್ ಇದ್ದವರಿಗೆ ಆರ್‌ಟಿಒ ಚಲನ್ ಹೆಸರಿನಲ್ಲಿ. ಕಳಿಸಿದ ನಂಬರು ಅನೇಕ ಸಲ ಪರಿಚಯದವರದೇ ಆಗಿರುತ್ತದೆ, ಏಕೆಂದರೆ ಅವರ ಫೋನು ಮೊದಲೇ ಕಳ್ಳರ ಕೈಗೆ ಸಿಕ್ಕಿರುತ್ತದೆ. ಹೀಗಾಗಿ ನೆಂಟರ ಗ್ರೂಪಿನಲ್ಲಿ ಬಂದದ್ದನ್ನು ಯಾರೂ ಅನುಮಾನಿಸುವುದಿಲ್ಲ.

ಒತ್ತಿದಾಗ ಫೋನು ಎಚ್ಚರಿಸುತ್ತದೆ: ಈ ಮೂಲದಿಂದ ಆ್ಯಪ್ ಹಾಕಲು ಅನುಮತಿ ಕೊಡುವಿರಾ ಎಂದು ಕೇಳುತ್ತದೆ. ಹೂಂ ಅಂದರೆ ಆ್ಯಪ್ ಒಳಬಂದು ಎಸ್‌ಎಂಎಸ್ ಓದುವ ಅನುಮತಿ ಬೇಡುತ್ತದೆ. ಅದೂ ಸಿಕ್ಕರೆ ತನ್ನ ಚಿಹ್ನೆಯನ್ನು ಮರೆಮಾಡಿಕೊಂಡು ಒಟಿಪಿಗಳನ್ನು ಹೊರಗೆ ಸಾಗಿಸುತ್ತದೆ. ಕೆಲವು ‘ಅಪ್‌ಡೇಟ್’ ನೆಪದಲ್ಲಿ ಇನ್ನೊಂದು ಆ್ಯಪನ್ನೂ ಒಳಕರೆಯುತ್ತವೆ. ನಕಲಿ ಚಲನ್‌ನ ಇಂಥದೊಂದು ಜಾಲದ ವಿವರವನ್ನು ಕ್ಲೌಡ್‌ಸೆಕ್ ಎಂಬ ಸೈಬರ್ ಭದ್ರತಾ ಸಂಸ್ಥೆ 2024ರ ಜುಲೈನಲ್ಲಿ ಹೊರಗೆಡವಿತು. ವಿಯೆಟ್ನಾಂನ ತಂಡವೊಂದು ನಡೆಸುತ್ತಿದ್ದ ಆ ಜಾಲಕ್ಕೆ 4,400ಕ್ಕೂ ಹೆಚ್ಚು ಫೋನುಗಳು ಸಿಕ್ಕಿದ್ದವು. ಹೆಚ್ಚು ಬಾಧೆಗೊಳಗಾದದ್ದು ಗುಜರಾತ್, ಅದರ ನಂತರ ಕರ್ನಾಟಕ.

ಆಂಡ್ರಾಯ್ಡ್ 8ರಿಂದ ಈಚೆಗೆ ಹೊರಗಿನ ಆ್ಯಪ್ ಹಾಕುವ ಅನುಮತಿಯನ್ನು ಒಂದೊಂದು ಆ್ಯಪ್‌ಗೂ ಬೇರೆ ಬೇರೆಯಾಗಿ ಕೊಡಬೇಕು. ಸೆಟ್ಟಿಂಗ್ಸ್‌ನಲ್ಲಿ ‘ಇನ್‌ಸ್ಟಾಲ್ ಅನ್‌ನೋನ್ ಆ್ಯಪ್ಸ್’ ಎಂದು ಹುಡುಕಿದರೆ ಪಟ್ಟಿ ಬರುತ್ತದೆ. ಅಲ್ಲಿ ವಾಟ್ಸ್‌ಆ್ಯಪ್, ಕ್ರೋಮ್, ಫೈಲ್ ಮ್ಯಾನೇಜರ್ ಎಲ್ಲದರ ಮುಂದೆಯೂ ‘ಅನುಮತಿ ಇಲ್ಲ’ ಎಂದೇ ಇರಬೇಕು. ಪ್ಲೇ ಸ್ಟೋರ್‌ನ ‘ಪ್ಲೇ ಪ್ರೊಟೆಕ್ಟ್’ ಆನ್ ಆಗಿರಬೇಕು. ಹೊರಗಿನಿಂದ ಬಂದು ಎಸ್‌ಎಂಎಸ್, ನೋಟಿಫಿಕೇಶನ್, ಆ್ಯಕ್ಸೆಸಿಬಿಲಿಟಿ ಅನುಮತಿ ಕೇಳುವ ಆ್ಯಪ್‌ಗಳನ್ನು ತಾನೇ ತಡೆಯುವ ಪ್ರಯೋಗವನ್ನು ಗೂಗಲ್ 2024ರ ಕೊನೆಯಲ್ಲಿ ಭಾರತದಲ್ಲಿ ಆರಂಭಿಸಿದೆ.

ಅಂಥ ಎಪಿಕೆ ಫೈಲನ್ನು ಆಗಲೇ ಒತ್ತಿಬಿಟ್ಟಿದ್ದರೆ ಮೊದಲು ಡೇಟಾ ಬಂದ್ ಮಾಡಬೇಕು. ಬಳಿಕ ‘ಡಿವೈಸ್ ಅಡ್ಮಿನ್ ಆ್ಯಪ್ಸ್’ ಪಟ್ಟಿಯಲ್ಲಿ ಆ ಆ್ಯಪಿನ ಹೆಸರಿದ್ದರೆ ಅದರ ಅಧಿಕಾರ ಕಿತ್ತು, ಆ್ಯಪ್ ತೆಗೆಯಬೇಕು. ಆಗಲೂ ಹೋಗದಿದ್ದರೆ ಸೇಫ್ ಮೋಡ್: ಬಹಳಷ್ಟು ಫೋನುಗಳಲ್ಲಿ ತೆರೆಯ ಮೇಲಿನ ‘ಪವರ್ ಆಫ್’ ಚಿಹ್ನೆಯನ್ನು ಒತ್ತಿಹಿಡಿದರೆ ಅದು ಸಿಗುತ್ತದೆ. ಅಲ್ಲಿ ಹೊರಗಿನ ಆ್ಯಪ್‌ಗಳು ಓಡುವುದಿಲ್ಲ, ಕಿತ್ತುಹಾಕುವುದು ಸಲೀಸು. ಖಾತೆಯಿಂದ ಹಣ ಹೋಗಿದ್ದರೆ ಬೇರೆ ಫೋನಿನಿಂದ ತಡಮಾಡದೆ ಸೈಬರ್ ವಂಚನೆಯ ಸಹಾಯವಾಣಿ 1930ಕ್ಕೆ ಕರೆಮಾಡಬೇಕು. ಮೊದಲ ಒಂದೆರಡು ತಾಸಿನೊಳಗೆ ತಿಳಿಸಿದರೆ ಹಣವನ್ನು ದಾರಿಯಲ್ಲೇ ತಡೆಯುವ ಸಾಧ್ಯತೆ ಹೆಚ್ಚು. ಬ್ಯಾಂಕಿಗೂ ಜಿಲ್ಲೆಯ ಸಿಇಎನ್ (ಸೈಬರ್ ಅಪರಾಧ) ಪೊಲೀಸ್ ಠಾಣೆಗೂ ದೂರು ಕೊಡಬೇಕು. ನಾಚಿಕೆಪಟ್ಟು ಮುಚ್ಚಿಟ್ಟರೆ ಅದೇ ಫೈಲು ಆ ಫೋನಿನಿಂದಲೇ ಬೀಗರ ಗ್ರೂಪಿಗೂ ಹೋಗುತ್ತಿರುತ್ತದೆ.

ಮುಂದಿನ ಮುಂಗಾರಿಗೆ ಬೆಳೆ ಸಮೀಕ್ಷೆಯ ಆ್ಯಪ್ ಮತ್ತೆ ಬೇಕಾಗುತ್ತದೆ. ಆಗ ಯಾರೋ ಕಳಿಸಿದ ಲಿಂಕ್ ಒತ್ತದೆ, ಪ್ಲೇ ಸ್ಟೋರ್‌ನಲ್ಲೇ ಹುಡುಕಿ, ಆ್ಯಪಿನ ಹೆಸರಿನ ಕೆಳಗೆ ಸರ್ಕಾರದ ಇಲಾಖೆಯ ಹೆಸರಿದೆಯೇ ಎಂದು ನೋಡಿ ಇಳಿಸಿಕೊಳ್ಳಬೇಕು. ಗೊಂದಲವಾದರೆ ಹೋಬಳಿಯ ರೈತ ಸಂಪರ್ಕ ಕೇಂದ್ರದಲ್ಲಿ ಕೇಳಬಹುದು. ಹೊಸ ಫೋನು ಕೊಳ್ಳುವವರು ಅಂಗಡಿಯವರಿಗೆ ಅಲ್ಲೇ ಹೇಳಬೇಕು: “ತಮ್ಮಾ, ಟಿಕ್ ಎಲ್ಲಾ ತಗಿ, ಕನ್ನಡ ಹಾಕು, ಬ್ಯಾಡಾದ್ದು ಬಂದ್ ಮಾಡಿ ಕೊಡು.”