ಮುಹೂರ್ತದಿಂದ ಹಿಂದಕ್ಕೆ ಎಣಿಸಬೇಕಾದ ದಿನ

ಕಡೂರು, ತರೀಕೆರೆ ಮತ್ತು ಅಜ್ಜಂಪುರ ಸೀಮೆಯ ಲಗ್ನಪತ್ರಿಕೆಗಳಲ್ಲಿ ಸಾಮಾನ್ಯವಾಗಿ ಎರಡು ವೇಳೆಗಳು ಮಾತ್ರ ಅಚ್ಚಾಗಿರುತ್ತವೆ: ಹಿಂದಿನ ಸಂಜೆಯ ಆರತಕ್ಷತೆ ಮತ್ತು ಮರುದಿನದ ಧಾರಾ ಮುಹೂರ್ತ. ಮದುಮಗಳ ಎಣ್ಣೆನೀರಿನಿಂದ ಹಿಡಿದು ಹೆಣ್ಣೊಪ್ಪಿಸುವವರೆಗಿನ ಉಳಿದ ಕಾರ್ಯಗಳೆಲ್ಲ ‘ನಂತರ ನೋಡಿಕೊಳ್ಳೋಣ’ ಎಂಬ ಭರವಸೆಯ ಮೇಲೆ ನಿಂತಿರುತ್ತವೆ. ಮುಹೂರ್ತವನ್ನು ತಿಂಗಳುಗಟ್ಟಲೆ ಹುಡುಕಿ ನಿಶ್ಚಯಿಸುವ ಕುಟುಂಬಗಳು ಆ ಗಳಿಗೆಗೆ ವಧೂವರರು ಮಂಟಪದಲ್ಲಿ ನೆಮ್ಮದಿಯಿಂದ ಕುಳಿತಿರಲು ಬೇಕಾದ ಸಿದ್ಧತೆಯ ಹೊತ್ತನ್ನು ಲೆಕ್ಕ ಹಾಕದಿರುವುದರಿಂದಲೇ ಮಂತ್ರಗಳು ಅವಸರದಲ್ಲಿ ಮುಗಿಯುತ್ತವೆ, ಹಿರಿಯರು ಹಸಿದು ಕೂರುತ್ತಾರೆ.

ಮುಹೂರ್ತದ ವೇಳೆ ಹೇಗೆ ಹುಟ್ಟುತ್ತದೆ ಎಂಬುದನ್ನು ಮೊದಲು ತಿಳಿಯುವುದು ಉಚಿತ. ಪೂರ್ವ ದಿಗಂತದಲ್ಲಿ ಆಯಾ ಹೊತ್ತಿಗೆ ಉದಯಿಸುತ್ತಿರುವ ರಾಶಿಗೆ ಲಗ್ನವೆಂದು ಹೆಸರು. ದಿನಕ್ಕೆ ಹನ್ನೆರಡು ಲಗ್ನಗಳು ಬರುವುದರಿಂದ ಒಂದೊಂದಕ್ಕೂ ಸರಾಸರಿ ಎರಡು ಗಂಟೆಯ ಅವಧಿ ಸಿಗುತ್ತದೆ. ಒಂದೇ ಲಗ್ನವು ದಿನಕ್ಕೆ ಸುಮಾರು 4 ನಿಮಿಷ, ಅಂದರೆ ತಿಂಗಳಿಗೆ ಹೆಚ್ಚುಕಡಿಮೆ ಎರಡು ಗಂಟೆ ಮುಂಚಿತವಾಗಿ ಬರುತ್ತಾ ಹೋಗುತ್ತದೆ. ಮೇ ತಿಂಗಳ ನಡುವಿನಲ್ಲಿ ಬೆಳಿಗ್ಗೆ ಹತ್ತರ ಸುಮಾರಿಗೆ ಆರಂಭವಾಗುವ ಕಟಕ ಲಗ್ನ ಏಪ್ರಿಲ್ ನಡುವಿನಲ್ಲಿ ಮಧ್ಯಾಹ್ನ ಹನ್ನೆರಡಕ್ಕೆ ಬರುವುದು ಈ ಕಾರಣದಿಂದ. ಆದ್ದರಿಂದ ಒಂದು ತಿಂಗಳ ಹಿಂದೆ ಮದುವೆ ಮಾಡಿದ ನೆಂಟರ ಮನೆಯ ವೇಳಾಪಟ್ಟಿ ಅದೇ ಲಗ್ನಕ್ಕೂ ಹೊಂದುವುದಿಲ್ಲ.

ಗಡಿಯಾರ ಮತ್ತು ಸೂರ್ಯನ ನಡುವಿನ ಅಂತರವನ್ನೂ ಇಲ್ಲಿ ಗಮನಿಸಬೇಕು. ಭಾರತೀಯ ಪ್ರಮಾಣ ವೇಳೆ 82.5 ಡಿಗ್ರಿ ಪೂರ್ವ ರೇಖಾಂಶವನ್ನು ಆಧರಿಸಿದ್ದು, ಕಡೂರು ಸುಮಾರು 76 ಡಿಗ್ರಿಯ ಮೇಲಿರುವುದರಿಂದ ಇಲ್ಲಿನ ನಿಜವಾದ ನಡುಮಧ್ಯಾಹ್ನ ಸರಾಸರಿ 12 ಗಂಟೆ 26 ನಿಮಿಷಕ್ಕೆ ಆಗುತ್ತದೆ. ಹಗಲನ್ನು ಹದಿನೈದು ಭಾಗ ಮಾಡಿದಾಗ ಎಂಟನೆಯದಾಗಿ ಬರುವ ಅಭಿಜಿನ್ ಮುಹೂರ್ತವು ಈ ನಡುಮಧ್ಯಾಹ್ನದ ಎರಡೂ ಬದಿಗೆ ಸುಮಾರು 24 ನಿಮಿಷ ಹರಡಿರುತ್ತದೆ. ಮೇ ತಿಂಗಳಲ್ಲಿ ಅದು ಹೆಚ್ಚುಕಡಿಮೆ 12ರಿಂದ 12.45ರವರೆಗೆ ಇದ್ದರೆ, ಫೆಬ್ರುವರಿಯಲ್ಲಿ 12.15ರಿಂದ 1 ಗಂಟೆಯವರೆಗೆ ಸರಿಯುತ್ತದೆ. ಬುಧವಾರ ಅಭಿಜಿನ್ ಸಲ್ಲದೆಂಬುದು ರೂಢಿಯ ನಿಯಮ.

ರಾಹುಕಾಲದ ವಿಷಯದಲ್ಲಿ ಈ ಅಂತರವು ಇನ್ನೂ ಹೆಚ್ಚು ತೊಡಕು ತರುತ್ತದೆ. ರಾಹುಕಾಲವೆಂದರೆ ಹಗಲಿನ ಎಂಟನೆಯ ಒಂದು ಭಾಗ. ಕ್ಯಾಲೆಂಡರಿನ ಸಾಮಾನ್ಯ ಪಟ್ಟಿ ಆರಕ್ಕೆ ಉದಯ, ಆರಕ್ಕೆ ಅಸ್ತವೆಂದು ಭಾವಿಸಿ ಭಾನುವಾರಕ್ಕೆ ಸಂಜೆ 4.30ರಿಂದ 6ರವರೆಗೆ ಅದನ್ನು ಕೊಡುತ್ತದೆ. ಬೆಳಗಿನ ಹೊತ್ತು ಪೂರ್ತಿ ಮುಕ್ತವಾಗಿರುವುದೂ ನೌಕರಿಯವರಿಗೆ ರಜೆ ಇರುವುದೂ ಭಾನುವಾರವನ್ನು ಎಲ್ಲರ ಮೆಚ್ಚಿನ ದಿನವಾಗಿಸಿವೆ. ಆದರೆ ಹೆಣ್ಣನ್ನು ಕಳುಹಿಸುವ ಮತ್ತು ಗಂಡಿನ ಮನೆ ತುಂಬಿಸಿಕೊಳ್ಳುವ ಹೊತ್ತು ನೇರವಾಗಿ ಆ ಅವಧಿಗೇ ಬಂದು ಬೀಳುವುದನ್ನು ಯಾರೂ ಮುಂಚಿತವಾಗಿ ಯೋಚಿಸುವುದಿಲ್ಲ. ಮೇ ತಿಂಗಳಲ್ಲಿ ಕಡೂರಿನಲ್ಲಿ ಸೂರ್ಯ ಮುಳುಗುವುದು 6.45ರ ಸುಮಾರಿಗೆ, ಆದ್ದರಿಂದ ಸೂರ್ಯನ ಲೆಕ್ಕದ ಭಾನುವಾರದ ರಾಹುಕಾಲ 5.10ರ ಆಸುಪಾಸಿಗೆ ಆರಂಭವಾಗುತ್ತದೆ. ಕುಟುಂಬವು ಯಾವ ಲೆಕ್ಕವನ್ನು ಪಾಲಿಸುತ್ತದೆಂಬುದನ್ನು ಪುರೋಹಿತರ ಬಳಿ ಮೊದಲೇ ತೀರ್ಮಾನಿಸಿಕೊಂಡರೆ ನಲವತ್ತು ನಿಮಿಷ ಉಳಿಯುತ್ತದೆ, ಛತ್ರದ ಬಾಗಿಲಲ್ಲಿ ಹುಟ್ಟುವ ವಾದವೂ ತಪ್ಪುತ್ತದೆ.

ಬೆಳಿಗ್ಗೆ 10.30ರಿಂದ 11.15ರವರೆಗೆ ಸಲ್ಲುವ ಮುಹೂರ್ತವನ್ನು ಉದಾಹರಣೆಯಾಗಿ ಇಟ್ಟುಕೊಂಡರೆ ದಿನದ ರಚನೆ ಹಿಂದಕ್ಕೆ ತಾನಾಗಿ ಬಿಚ್ಚಿಕೊಳ್ಳುತ್ತದೆ. ವರಪೂಜೆ, ವಧುವಿನ ಗೌರಿಪೂಜೆ, ಗೋತ್ರ ಪ್ರವರಗಳನ್ನು ಹೇಳುವ ಸಂಕಲ್ಪ, ವಧೂವರರ ನಡುವೆ ಹಿಡಿಯುವ ಬಟ್ಟೆಯಾದ ಅಂತರಪಟ ಮತ್ತು ಜೀರಿಗೆ ಬೆಲ್ಲದ ಶಾಸ್ತ್ರಗಳಿಗೆ ಒಂದೂವರೆ ಗಂಟೆ ಬೇಕಾಗುವುದರಿಂದ ವರನು 9 ಗಂಟೆಗೆ ಮಂಟಪದಲ್ಲಿರಬೇಕು. ವಧುವಿನ ಜಡೆ, ಸೀರೆ, ಒಡವೆಗಳಿಗೆ ಎರಡು ಗಂಟೆ ಸಾಲುವುದೇ ಕಷ್ಟ, ಮಂಗಳಸ್ನಾನ 5.30ಕ್ಕೇ ಆಗಬೇಕಾಗುತ್ತದೆ. ಹಿಂದಿನ ರಾತ್ರಿಯ ಆರತಕ್ಷತೆ ಹನ್ನೊಂದರವರೆಗೆ ಎಳೆದರೆ ಈ ಲೆಕ್ಕ ಅಲ್ಲಿಯೇ ಮುರಿದು ಬೀಳುತ್ತದೆ. 2000ನೇ ಇಸವಿಯ ಶಬ್ದಮಾಲಿನ್ಯ ನಿಯಮಗಳು ರಾತ್ರಿ ಹತ್ತರಿಂದ ಬೆಳಿಗ್ಗೆ ಆರರವರೆಗೆ ಧ್ವನಿವರ್ಧಕವನ್ನು ನಿರ್ಬಂಧಿಸಿವೆ; ಆ ನಿಯಮವನ್ನು ಗೌರವಿಸಿದರೆ ಮದುಮಕ್ಕಳಿಗೆ ನಿದ್ರೆಯೂ ದೊರೆಯುತ್ತದೆ. ವೀರಶೈವ ಲಿಂಗಾಯತ, ಕುರುಬ, ಲಂಬಾಣಿ ಮುಂತಾದ ಸಮುದಾಯಗಳಲ್ಲಿ ವಿಧಿಗಳ ಕ್ರಮವೂ ಅವಧಿಯೂ ಬೇರೆಬೇರೆಯಾಗಿರುವುದರಿಂದ ಈ ಅಂಕಿಗಳನ್ನು ಆಯಾ ಮನೆತನದ ಐನೋರ ಅಥವಾ ಹಿರಿಯರ ಮಾತಿನಂತೆ ತಿದ್ದಿಕೊಳ್ಳಬೇಕು.

ಅತಿ ಹೆಚ್ಚು ಹೊತ್ತು ನುಂಗುವವು ಶಾಸ್ತ್ರಗಳೆಂದು ಅನೇಕರು ತಿಳಿಯುತ್ತಾರೆ. ವಾಸ್ತವದಲ್ಲಿ ಹೊತ್ತು ಹೋಗುವುದು ವೇದಿಕೆಯ ಸಾಲಿನಲ್ಲಿ ಮತ್ತು ಊಟದ ಪಂಕ್ತಿಯಲ್ಲಿ. 600 ಮಂದಿ ಒಬ್ಬೊಬ್ಬರಾಗಿ ಬಂದು ಮುಯ್ಯಿ ಕೊಟ್ಟು, ಫೋಟೊಗೆ ನಿಂತು ಇಳಿಯಲು ತಲಾ 20 ಸೆಕೆಂಡು ಹಿಡಿದರೂ ಒಟ್ಟು 3 ಗಂಟೆ 20 ನಿಮಿಷವಾಗುತ್ತದೆ. ಅದೇ ಜನ ಮನೆಯವರಂತೆ ನಾಲ್ಕು ನಾಲ್ಕು ಮಂದಿಯಾಗಿ ಬಂದು ಅರ್ಧ ನಿಮಿಷ ತೆಗೆದುಕೊಂಡರೆ ಒಂದೂಕಾಲು ಗಂಟೆಯಲ್ಲಿ ಮುಗಿಯುತ್ತದೆ. 200 ಎಲೆಯ ಊಟದ ಹಾಲಿನಲ್ಲಿ ಎಲೆ ಹಾಕಿ, ಬಡಿಸಿ, ಎಲೆ ಎತ್ತಿ ಒರೆಸುವಷ್ಟರಲ್ಲಿ ಒಂದು ಪಂಕ್ತಿಗೆ 40 ನಿಮಿಷವಾದರೆ 800 ಮಂದಿಗೆ ನಾಲ್ಕು ಪಂಕ್ತಿ, ಅಂದರೆ 2 ಗಂಟೆ 40 ನಿಮಿಷ. ಮಾಂಗಲ್ಯಧಾರಣೆಯಾಗಿ ಅಕ್ಷತೆ ಬಿದ್ದ ಕೂಡಲೇ 11.15ಕ್ಕೆ ಮೊದಲ ಪಂಕ್ತಿ ಕೂತರೆ ಎರಡು ಗಂಟೆಗೆ ಎಲ್ಲರ ಊಟವಾಗುತ್ತದೆ, ಒಂದು ಗಂಟೆ ತಡವಾದರೆ ಮೂರಾಗುತ್ತದೆ. ಸುತ್ತಲಿನ ಹಳ್ಳಿಗಳಿಂದ ಬರುವವರಲ್ಲಿ ಹಸು ಕಟ್ಟಿದವರು ಬಹಳ. ಸಂಜೆ ಹಾಲು ಕರೆದು ಡೇರಿಗೆ ಹಾಕಬೇಕಾದವರನ್ನು ಮೂರರವರೆಗೆ ಕಾಯಿಸುವುದು ಅನ್ಯಾಯ.

ಈ ಎರಡು ಸಾಲುಗಳ ಒತ್ತಡದಲ್ಲಿ ಮೊದಲು ಕುಗ್ಗುವುದು ಸಪ್ತಪದಿ ಎಂಬುದು ನಿಜಕ್ಕೂ ನೋವಿನ ಸಂಗತಿ. ಅತಿಥಿಗಳು ವೇದಿಕೆ ಹತ್ತಲು ಕಾದಿರುವಾಗ ಲಾಜಹೋಮ, ಅಂದರೆ ಅರಳನ್ನು ಅಗ್ನಿಗೆ ಅರ್ಪಿಸುವ ವಿಧಿ, ಮತ್ತು ಏಳು ಹೆಜ್ಜೆಗಳು ಕೆಲವೇ ನಿಮಿಷಗಳಲ್ಲಿ ಮುಗಿದುಹೋಗುತ್ತವೆ. 1955ರ ಹಿಂದೂ ವಿವಾಹ ಕಾಯ್ದೆಯ 7ನೇ ಕಲಮಿನ ಪ್ರಕಾರ ಸಪ್ತಪದಿ ಸೇರಿರುವ ಪದ್ಧತಿಗಳಲ್ಲಿ ಏಳನೆಯ ಹೆಜ್ಜೆ ಇಟ್ಟಾಗಲೇ ವಿವಾಹ ಪೂರ್ಣವಾಗುತ್ತದೆ. ಹೀಗಾಗಿ 11.15ರಿಂದ 12.15ರವರೆಗಿನ ಒಂದು ಗಂಟೆಯನ್ನು ಹೋಮಕ್ಕೂ ಸಪ್ತಪದಿಗೂ ಮೀಸಲಿಟ್ಟು, ಆ ಹೊತ್ತಿನಲ್ಲಿ ಅತಿಥಿಗಳನ್ನು ಊಟಕ್ಕೆ ಕಳುಹಿಸಿ, ಮುಯ್ಯಿಯ ಸಾಲನ್ನು 12.15ಕ್ಕೆ ತೆರೆಯುವುದೇ ಸರಿಯಾದ ಕ್ರಮ. ಹಾಗೆ ಮಾಡಿದರೆ ವಧೂವರರು ಎರಡು ಗಂಟೆಯೊಳಗೆ ಊಟಕ್ಕೆ ಕೂತು, 3.30ಕ್ಕೆ ಹೆಣ್ಣೊಪ್ಪಿಸುವ ಶಾಸ್ತ್ರ ನಡೆದು, ಸಾಮಾನ್ಯ ಪಟ್ಟಿಯ ಭಾನುವಾರದ ರಾಹುಕಾಲಕ್ಕೂ ಮುನ್ನ ದಿಬ್ಬಣ ಹೊರಡಬಹುದು.

ಮುಹೂರ್ತದ ಬಂಧನವಿಲ್ಲದ ಮಾದರಿಯೂ ಕನ್ನಡಿಗರಿಗೆ ಹೊಸದಲ್ಲ. ಕುವೆಂಪು ರೂಪಿಸಿದ ಮಂತ್ರಮಾಂಗಲ್ಯದ ಪ್ರಕಾರ ಪೂರ್ಣಚಂದ್ರ ತೇಜಸ್ವಿಯವರ ಮದುವೆ 1966ರಲ್ಲಿ ನಡೆಯಿತು. ಅವರು ನಂತರ ನೆಲೆಸಿದ್ದು ಇದೇ ಚಿಕ್ಕಮಗಳೂರು ಜಿಲ್ಲೆಯ ಮೂಡಿಗೆರೆಯಲ್ಲಿ. ಇಂಥ ಮದುವೆಗಳಲ್ಲಿ ಬರುವವರ ಅನುಕೂಲವನ್ನೇ ನೋಡಿ ವೇಳೆ ನಿಗದಿಪಡಿಸಬಹುದು.

ದಾರಿಯ ಹೊತ್ತನ್ನು ಮಾತ್ರ ಯಾವ ಪದ್ಧತಿಯವರೂ ಮರೆಯುವಂತಿಲ್ಲ. ಬೆಂಗಳೂರಿನಿಂದ ಬರುವ ನೆಂಟರಿಗೆ ಕಡೂರು, ಬೀರೂರು ರೈಲು ನಿಲ್ದಾಣಗಳಿವೆ. ಬೀರೂರಿನಲ್ಲಿ ದಾರಿ ಕವಲೊಡೆದು ಒಂದು ತರೀಕೆರೆಯ ಮೂಲಕ ಶಿವಮೊಗ್ಗಕ್ಕೂ ಇನ್ನೊಂದು ಅಜ್ಜಂಪುರದ ಮೂಲಕ ಚಿಕ್ಕಜಾಜೂರಿಗೂ ಹೋಗುತ್ತದೆ. ರೈಲು ಇಳಿದವರನ್ನು ಛತ್ರಕ್ಕೆ ಕರೆತರುವ ವಾಹನವೂ ವ್ಯಕ್ತಿಯೂ ಮೊದಲೇ ಗೊತ್ತಾಗಿರಬೇಕು. ಅಂತರಘಟ್ಟೆಯ ಜಾತ್ರೆಯಂಥ ದಿನಗಳಲ್ಲಿ ಎತ್ತಿನ ಗಾಡಿಗಳೂ ಜನವೂ ತುಂಬುವ ರಸ್ತೆಗಳಿಗೆ ಅರ್ಧ ಗಂಟೆ ಹೆಚ್ಚಿಗೆ ಇಟ್ಟುಕೊಳ್ಳುವುದು ಕ್ಷೇಮ.

ಗಡಿಯಾರ ನೋಡುವ ಹೊಣೆಯನ್ನು ತಂದೆತಾಯಿಗೂ ಸೋದರಮಾವನಿಗೂ ಒಪ್ಪಿಸಬಾರದು, ಏಕೆಂದರೆ ಅವರೆಲ್ಲ ಶಾಸ್ತ್ರದಲ್ಲಿ ಕೂರಬೇಕಾದವರು. ಮಂಟಪದಲ್ಲಿ ಕೆಲಸವಿಲ್ಲದ, ಎರಡೂ ಕಡೆಯ ಬೀಗರು ಮಾತು ಕೇಳುವಂಥ ಒಬ್ಬ ಚಿಕ್ಕಪ್ಪನೋ ಅತ್ತೆಯೋ ಆ ಕೆಲಸಕ್ಕೆ ತಕ್ಕವರು. ಮದುವೆಯ ಮನೆಯವರು ಈ ವೇಳೆಗಳನ್ನೆಲ್ಲ ಒಂದೇ ಹಾಳೆಯಲ್ಲಿ ಬರೆದು, ಪುರೋಹಿತರಿಗೆ, ಅಡಿಗೆಯವರಿಗೆ, ವಾಲಗದವರಿಗೆ ಮತ್ತು ಫೋಟೊ ತೆಗೆಯುವವರಿಗೆ ಚಪ್ಪರ ಹಾಕುವ ದಿನವೇ ಒಂದೊಂದು ಪ್ರತಿ ತಲುಪಿಸಲಿ.