ಕಾಲುವೆಗೂ ಹಳ್ಳಕ್ಕೂ ನಡುವೆ ಮೂರು ಮನೆ

"ಬಾಜು ಹೊಲದಾವ್ರು ಬೋರ್ ಹೊಡಿಸಿದ ಮ್ಯಾಲೆ ನಮ್ದು ನಿಂತೇ ಹೋತ್ರೀ." ರಾಯಚೂರು ಜಿಲ್ಲೆಯ ಮಾನ್ವಿ, ದೇವದುರ್ಗದ ಕಡೆ ಬೇಸಿಗೆಯಲ್ಲಿ ಓಡಾಡಿದವರು ಈ ಮಾತನ್ನು ಒಮ್ಮೆಯಾದರೂ ಕೇಳಿರುತ್ತಾರೆ. ಬಾಜು ಹೊಲದವರು ಒಪ್ಪುವುದಿಲ್ಲ. ತಮ್ಮದು ಇನ್ನೂರು ಅಡಿ ಆಳ, ನಿಮ್ಮದು ನೂರೈವತ್ತು, ಸೆಲೆಯೇ ಬೇರೆ ಎನ್ನುತ್ತಾರೆ. ಜಗಳ ನಡೆಯುವುದು ಮೇಲೆ, ಜಗಳದ ಕಾರಣ ಇರುವುದು ಕೆಳಗೆ. ನ್ಯಾಯ ಹೇಳಬೇಕಾದ ಹಿರಿಯರಿಗೂ ಅಧಿಕಾರಿಗಳಿಗೂ ಆ ಕೆಳಗಿನದು ಕಾಣುವುದಿಲ್ಲ.

ಕಾಣದ್ದನ್ನು ಲೆಕ್ಕದಲ್ಲಿ ಕಾಣುವ ಉಪಾಯವೇ ಅಂತರ್ಜಲದ ಕಂಪ್ಯೂಟರ್ ಮಾದರಿ. ಹೆಸರು ಕೇಳಿ ಹೆದರಬೇಕಿಲ್ಲ. ಒಂದು ಪೆನ್ಸಿಲ್, ಒಂದು ಹಾಳೆ ಸಾಕು, ಇಲ್ಲಿಯೇ ಒಂದನ್ನು ಮಾಡಿಬಿಡೋಣ.

ಚೌಕಾಬಾರದ ಹಾಗೆ ಸಾಲಾಗಿ ಐದು ಮನೆ ಬರೆಯಿರಿ. ಎಡಗಡೆಯ ಮನೆ ತುಂಗಭದ್ರಾ ಎಡದಂಡೆಯ ಒಂದು ಉಪಕಾಲುವೆ, ಅದರ ನೀರಿನ ಮಟ್ಟ 10 ಮೀಟರ್ ಎತ್ತರದಲ್ಲಿದೆ. ಬಲಗಡೆಯದು ಊರ ಹಳ್ಳ, ಅದರ ಮಟ್ಟ 2 ಮೀಟರ್. ನಡುವಿನ ಮೂರು ಮನೆಗಳಲ್ಲಿ ಒಂದೊಂದು ಬಾವಿ. ಬಾವಿಗಳ ಮಟ್ಟ ಎಷ್ಟೆಂದು ನಮಗೆ ಗೊತ್ತಿಲ್ಲ, ಸೊನ್ನೆ ಎಂದು ಬರೆದುಕೊಳ್ಳಿ. ಆಟದ ನಿಯಮ ಒಂದೇ: ಪ್ರತಿ ಮನೆಯ ಮಟ್ಟ ಅದರ ಎರಡು ನೆರೆಮನೆಗಳ ಸರಾಸರಿ. ಎಡದಿಂದ ಬಲಕ್ಕೆ ಹೋಗಿ, ಆಗಷ್ಟೇ ಬಂದ ಅಂಕಿಯನ್ನೇ ಮುಂದಿನ ಮನೆಗೆ ಬಳಸಿ. ಮೊದಲ ಸುತ್ತಿನಲ್ಲಿ 5, 2.5, 2.25 ಬರುತ್ತದೆ. ಎರಡನೆಯದರಲ್ಲಿ 6.25, 4.25, 3.125. ಹೀಗೆ ಹತ್ತು ಸುತ್ತು ತಿರುಗಿಸಿದರೆ ಅಂಕಿಗಳು ಬಹುತೇಕ 8, 6, 4ಕ್ಕೆ ಬಂದು ನಿಲ್ಲುತ್ತವೆ. ಆಮೇಲೆ ಎಷ್ಟು ಸಲ ಮಾಡಿದರೂ ಹೆಚ್ಚೇನೂ ಅಲ್ಲಾಡುವುದಿಲ್ಲ.

ಈಗ ನಡುವಿನ ಮನೆಯಲ್ಲಿ ಬೋರ್ ಕೂರಿಸಿ. ಅದು ನೀರೆತ್ತುವುದರಿಂದ ಅಲ್ಲಿಯ ಮಟ್ಟ ನೆರೆಯವರ ಸರಾಸರಿಗಿಂತ 1 ಮೀಟರ್ ಕಡಿಮೆ ಎಂದು ನಿಯಮ ಬದಲಿಸಿ, ಮತ್ತೆ ಸುತ್ತು ಹಾಕಿ. ಉತ್ತರ 7, 4, 3. ಬೋರ್ ಇರುವ ಮನೆಯಲ್ಲಿ ಮಟ್ಟ 2 ಮೀಟರ್ ಇಳಿಯಿತು. ಬೋರ್ ಇಲ್ಲದ ಎರಡೂ ಮನೆಗಳಲ್ಲಿ ತಲಾ 1 ಮೀಟರ್ ಇಳಿಯಿತು. ಬಾಜು ಹೊಲದವರ ಮೇಲಿನ ದೂರು ಲೆಕ್ಕದಲ್ಲಿ ಸಿಕ್ಕಿತು.

ಸರಾಸರಿಯ ಈ ನಿಯಮ ಎಲ್ಲಿಂದ ಬಂತು? ಫ್ರಾನ್ಸಿನ ದಿಜೋನ್ ನಗರಕ್ಕೆ ಕುಡಿಯುವ ನೀರು ಕೊಟ್ಟ ಎಂಜಿನಿಯರ್ ಹೆನ್ರಿ ಡಾರ್ಸಿ ಮರಳು ತುಂಬಿದ ಕೊಳವೆಗಳಲ್ಲಿ ನೀರು ಹರಿಸಿ ನೋಡಿ, 1856ರಲ್ಲಿ ಬರೆದಿಟ್ಟ ಸೂತ್ರದಿಂದ. ಎರಡು ಜಾಗಗಳ ನೀರಿನ ಮಟ್ಟದಲ್ಲಿ ಎಷ್ಟು ವ್ಯತ್ಯಾಸವೋ ಹರಿವು ಅಷ್ಟು ಎಂಬುದೇ ಅದರ ಸಾರ. ಮನೆಗೆ ಬಂದದ್ದೂ ಹೋದದ್ದೂ ಸಮನಾಗಬೇಕು ಎಂದರೆ ಸರಾಸರಿ ತಾನಾಗಿಯೇ ಬರುತ್ತದೆ. ಅಮೆರಿಕದ ಭೂವೈಜ್ಞಾನಿಕ ಸರ್ವೇಕ್ಷಣೆಯ ಮೈಕೆಲ್ ಮೆಕ್‌ಡೊನಾಲ್ಡ್ ಮತ್ತು ಆರ್ಲೆನ್ ಹಾರ್ಬಾ 1984ರಲ್ಲಿ ಹೊರತಂದ ಮಾಡ್‌ಫ್ಲೋ ಎಂಬ ತಂತ್ರಾಂಶ ಮಾಡುವುದೂ ಇದನ್ನೇ. ಮೂರು ಮನೆಯ ಬದಲು ಲಕ್ಷ ಮನೆ, ಒಂದು ಪದರದ ಬದಲು ಹಲವು ಪದರ. ಇಂದಿಗೂ ಜಗತ್ತಿನಲ್ಲಿ ಹೆಚ್ಚು ಬಳಕೆಯಲ್ಲಿರುವುದು ಅದರ ಸಂತತಿಯೇ, ಅದೂ ಪುಕ್ಕಟೆ.

ಲೆಕ್ಕ ಸುಲಭ. ಕಷ್ಟ ಇರುವುದು ಪ್ರತಿ ಮನೆಗೆ ಯಾವ ಗುಣ ಕೊಡಬೇಕು ಎಂಬಲ್ಲಿ. ರಾಯಚೂರು ನಗರದ ಕೋಟೆ ಹತ್ತಿದವರು ಇಲ್ಲಿಯ ಕಲ್ಲನ್ನು ಕಂಡಿದ್ದಾರೆ. 1294ರ ಶಾಸನ ಕೊರೆದಿರುವ ನಲವತ್ತು ಅಡಿ ಮೀರಿದ ಚಪ್ಪಡಿಯನ್ನು ಕೊಟ್ಟ ಗ್ರಾನೈಟು, ನೈಸು. ಅದರೊಳಗೆ ನೀರಿಗೆ ಜಾಗವೇ ಇಲ್ಲ. ನೀರಿರುವುದು ಮೇಲಿನ ಶಿಥಿಲ ಪದರದಲ್ಲಿ, ಎಂದರೆ ಬೋರ್ ಹೊಡೆಯುವಾಗ ಮೊದಲು ಬರುವ ಗರಸಿನಲ್ಲಿ, ಮತ್ತು ಅದರ ಕೆಳಗಿನ ಬಿರುಕುಗಳಲ್ಲಿ. ಇಂಥದ್ದೇ ಗ್ರಾನೈಟ್ ನೆಲವಿರುವ ಹೈದರಾಬಾದ್ ಸಮೀಪದ ಮಹೇಶ್ವರಂ ಜಲಾನಯನದಲ್ಲಿ, 53 ಚದರ ಕಿ.ಮೀ. ಪ್ರದೇಶವನ್ನು ಭಾರತ-ಫ್ರಾನ್ಸ್ ತಂಡವೊಂದು ವರ್ಷಗಟ್ಟಲೆ ಅಳೆಯಿತು. ನೀರು ಕೊಡುವ ಬಿರುಕುಗಳು ಬಹುಪಾಲು ಮೇಲಿನ 35 ಮೀಟರಿನೊಳಗೇ ಮುಗಿದವು. ಆರುನೂರು ಅಡಿ ಇಳಿಸಿದರೆ ನೀರು ಸಿಗುವುದೇ ಇಲ್ಲ ಎಂದಲ್ಲ, ಆದರೆ ಅದು ಲಾಟರಿ. ನೀರಿನ ಸೆಲೆ ಹುಡುಕಲು ತೆಂಗಿನಕಾಯಿ ಹಿಡಿದು ನಡೆಯುವವರನ್ನು ಕಂಡು ನಗುವ ನಾವು ರಿಗ್ ಲಾರಿಗೆ ಅಡಿಗೆ ಇಷ್ಟೆಂದು ಸುರಿಯುವಾಗ ಆಡುತ್ತಿರುವುದೂ ಜೂಜೇ.

ಇನ್ನು ಮಣ್ಣು: ಜೇಡಿ ಹೆಚ್ಚಿರುವ ಕಪ್ಪು ಎರೆ, ಜೇಡಿ ಕಡಿಮೆಯಿರುವ ಕೆಂಪು ಮಸಾರಿ. ಭಾರತದಲ್ಲಿ ಅಂತರ್ಜಲ ಅಂದಾಜು ಮಾಡುವ ಅಧಿಕೃತ ವಿಧಾನವಿದೆ. 1997ರಲ್ಲಿ ಒಂದು ಸಮಿತಿ ರೂಪಿಸಿದ್ದು, 2015ರಲ್ಲಿ ಪರಿಷ್ಕರಿಸಿದ್ದು. ಅದರ ಪ್ರಕಾರ ಜೇಡಿ ಕಡಿಮೆಯಿರುವ ಶಿಥಿಲ ಗ್ರಾನೈಟಿನಲ್ಲಿ ಮಳೆಯ 11 ಶೇಕಡಾ ಕೆಳಗಿಳಿಯುತ್ತದೆ, ಜೇಡಿ ಹೆಚ್ಚಿದ್ದರೆ 8. ವರ್ಷಕ್ಕೆ 600 ಮಿ.ಮೀ. ಮಳೆ ಎಂದಿಟ್ಟುಕೊಳ್ಳಿ, ರಾಯಚೂರಿಗೆ ಅದರ ಆಸುಪಾಸು ಬೀಳುತ್ತದೆ. ಮೊದಲ ಜಾಗದಲ್ಲಿ ಇಂಗಿದ್ದು 66 ಮಿ.ಮೀ., ಎರಡನೆಯದರಲ್ಲಿ 48. ಆದರೆ ನೀರು ಬಿಟ್ಟುಕೊಡುವ ಜಾಗ ಮೊದಲನೆಯದರಲ್ಲಿ ನೂರಕ್ಕೆ 3, ಎರಡನೆಯದರಲ್ಲಿ ಒಂದೂವರೆ. ಹಾಗಾಗಿ ಬಾವಿಯ ಮಟ್ಟ ಮೊದಲ ಕಡೆ 2.2 ಮೀಟರ್ ಏರಿದರೆ ಎರಡನೆಯ ಕಡೆ 3.2 ಮೀಟರ್ ಏರುತ್ತದೆ. ಕಡಿಮೆ ನೀರು ಇಂಗಿದಲ್ಲೇ ಬಾವಿ ಹೆಚ್ಚು ತುಂಬಿದಂತೆ ಕಂಡಿತು! ಬಾವಿ ಇಣುಕಿ "ಈ ಸಲ ಭರ್ಜರಿ" ಎನ್ನುವವರು ಇದನ್ನು ನೆನಪಿಡಬೇಕು.

ಇದೇ ವಿಧಾನದಿಂದ ತಾಲೂಕುಗಳಿಗೆ ಹಣೆಪಟ್ಟಿ ಬೀಳುತ್ತದೆ. ಇಂಗಿದ್ದರಲ್ಲಿ ಬಳಸಬಹುದಾದ ಪಾಲಿನ 70 ಶೇಕಡಾದವರೆಗೆ ಎತ್ತಿದರೆ 'ಸುರಕ್ಷಿತ', 90ರವರೆಗೆ 'ಅರೆ ಗಂಭೀರ', 100ರವರೆಗೆ 'ಗಂಭೀರ', ಅದನ್ನೂ ಮೀರಿದರೆ 'ಅತಿ ಬಳಕೆ'. ಹೊಸ ಬೋರಿಗೆ ಕಡಿವಾಣ, ಯೋಜನೆಯ ಹಣ, ಇವೆಲ್ಲ ಈ ಪಟ್ಟಿಯನ್ನು ನೋಡಿಯೇ ತೀರ್ಮಾನವಾಗುತ್ತವೆ. 2019ರ ಕೊನೆಯಲ್ಲಿ ಶುರುವಾದ ಅಟಲ್ ಭೂಜಲ ಯೋಜನೆ ನೀರಿನ ಒತ್ತಡ ಹೆಚ್ಚಿರುವ ಕಡೆಯನ್ನೇ ಹುಡುಕಿತು, ಕರ್ನಾಟಕದಲ್ಲಿ 14 ಜಿಲ್ಲೆಗಳಿಗೆ ಬಂತು. ಹಣೆಪಟ್ಟಿಯೂ ಒಂದು ಮಾದರಿಯೇ ಎಂಬುದನ್ನು ಮಾತ್ರ ಯಾರೂ ಬಾಯಿಬಿಟ್ಟು ಹೇಳುವುದಿಲ್ಲ. ಇಡೀ ತಾಲೂಕೇ ಒಂದು ಮನೆ ಇರುವ ಮಾದರಿ.

ಆ ಒಂದು ಮನೆಯಲ್ಲಿ ಮಾನ್ವಿಯನ್ನು ಕೂರಿಸುವುದು ಹೇಗೆ? 1953ರಿಂದ ತುಂಗಭದ್ರೆಯ ನೀರು 227 ಕಿ.ಮೀ. ಉದ್ದದ ಎಡದಂಡೆ ಕಾಲುವೆಯಲ್ಲಿ ಈ ಕಡೆ ಹರಿಯತೊಡಗಿತು. ಯೋಜನೆ ಮಾಡಿದವರು ಬಹುಪಾಲು ಜೋಳ, ಹತ್ತಿ, ಶೇಂಗಾದಂಥ ಅರೆ ನೀರಾವರಿ ಬೆಳೆಗೆಂದು ನೀರು ಹಂಚಿದ್ದರು. ವಲಸೆ ಬಂದ ರೈತರ ಕ್ಯಾಂಪುಗಳು ಎದ್ದವು, ಭತ್ತ ಬಂತು, ಮೇಲ್ಭಾಗದ ಗದ್ದೆಗಳಲ್ಲಿ ನೀರು ನಿಂತಿತು, ರಾಯಚೂರು ಕಡೆಯ ಕೊನೆಭಾಗದ ತೂಬುಗಳು ಒಣಗಿದವು. ಅಧಿಕೃತ ಲೆಕ್ಕದಲ್ಲಿ ಕಾಲುವೆ ನೀರಿನ ಭತ್ತದ ಗದ್ದೆಯಿಂದ, ಅಂತರ್ಜಲ 10 ಮೀಟರಿಗಿಂತ ಮೇಲಿದ್ದರೆ, ಹರಿಸಿದ್ದರ ಅರ್ಧದಷ್ಟು ಮತ್ತೆ ನೆಲಕ್ಕೆ ಇಂಗುತ್ತದೆ. ಮಳೆಯ 11 ಶೇಕಡಾ ಎಲ್ಲಿ, ಗದ್ದೆಯ 50 ಎಲ್ಲಿ! ಕಾಲುವೆ ಸೀಮೆಯ ಬಾವಿ ತುಂಬಿರುವುದು ಮೋಡದ ಕೃಪೆಯಿಂದಲ್ಲ, ಹೊಸಪೇಟೆಯ ಅಣೆಕಟ್ಟೆಯ ಗೇಟಿನ ಕೃಪೆಯಿಂದ. ಅದೇ ತಾಲೂಕಿನಲ್ಲಿ ಕಾಲುವೆ ಮುಟ್ಟದ ಎತ್ತರದ ಮಸಾರಿ ಹೊಲಗಳೂ ಇವೆ. ಎರಡನ್ನೂ ಕೂಡಿಸಿ ಸರಾಸರಿ ತೆಗೆದರೆ ಒಬ್ಬರ ಸವಳು, ಇನ್ನೊಬ್ಬರ ಒಣ ಬೋರು ಸೇರಿ 'ಸುರಕ್ಷಿತ' ಎಂದಾಗಬಲ್ಲವು. ಅಚ್ಚುಕಟ್ಟನ್ನೂ ಹೊರಗಿನದನ್ನೂ ಬೇರೆ ಬೇರೆ ಲೆಕ್ಕ ಹಾಕಬೇಕೆಂದು ವಿಧಾನದಲ್ಲೇ ಬರೆದಿದೆ ಎನ್ನುವುದು ನಿಜ. ಆದರೆ ಕೊನೆಗೆ ಪತ್ರಿಕೆಯಲ್ಲಿ ಬರುವುದು ತಾಲೂಕಿನ ಬಣ್ಣ ಒಂದೇ.

ಗುಣದ ಮಾತು ಬೇರೆ. ನೀರು ಎಷ್ಟಿದೆ ಎಂಬ ಮಾದರಿ ಅದರಲ್ಲಿ ಏನಿದೆ ಎಂದು ಹೇಳದು. ಗ್ರಾನೈಟಿನ ಖನಿಜಗಳಿಂದ ಫ್ಲೋರೈಡ್ ಕರಗುತ್ತದೆ, ನೀರಿನಲ್ಲಿ ಸುಣ್ಣದ ಅಂಶ ಕಡಿಮೆಯಾಗಿ ಸೋಡದ ಅಂಶ ಹೆಚ್ಚಿದಷ್ಟೂ ಅದು ಉಳಿದುಕೊಳ್ಳುತ್ತದೆ. ಲೀಟರಿಗೆ ಒಂದೂವರೆ ಮಿಲಿಗ್ರಾಂ ಎಂಬ ಮಿತಿಯನ್ನು ಒಂದು ಬೋರ್ ದಾಟಿದ್ದರೆ, ಅದೇ ಊರಿನ ಇನ್ನೊಂದು ಬೋರ್ ದಾಟದೆ ಇರಬಹುದು, ಏಕೆಂದರೆ ಎರಡೂ ಬೇರೆ ಬೇರೆ ಬಿರುಕಿನ ನೀರು ಕುಡಿಯುತ್ತವೆ. ನಾಲ್ಕು ಬೋರಿನ ಅಂಕಿ ಹಿಡಿದು ಇಡೀ ಹೋಬಳಿಗೆ ಬಣ್ಣ ಬಳಿದ ನಕ್ಷೆಗಳನ್ನು ಕಂಡಾಗ ನನಗೆ ಮೈಯೆಲ್ಲ ಎಚ್ಚರ. ರಾಯಚೂರು ನಗರದ ಒಳಗಿನ ಮನೆಗಳ ಕತೆಯೇ ಇನ್ನೊಂದು. ಕಾಂಕ್ರೀಟಿನ ಕೆಳಗೆ ಮಳೆ ಇಳಿಯುವುದು ಕಡಿಮೆ, ಸೋರುವ ಪೈಪು, ಚರಂಡಿ, ಶೌಚಗುಂಡಿಯದೇ ಪಾಲು. ನಗರಕ್ಕೆ ಮಾದರಿ ಕಟ್ಟುವವರು ಮೊದಲು ಕೇಳಬೇಕಾದದ್ದು ಮಳೆಮಾಪಕವನ್ನಲ್ಲ, ನಲ್ಲಿ ಬಿಡುವವರನ್ನು.

ಈಗ ಮತ್ತೆ ಐದು ಮನೆಗೆ ಬನ್ನಿ. 8, 6, 4 ಎಂಬ ಉತ್ತರ ಬಂದಾಗ ನಾವು ನೆಲ ಎಂಥದ್ದೆಂದು ಹೇಳಿಯೇ ಇರಲಿಲ್ಲ, ಗಮನಿಸಿದಿರಾ? ಎಲ್ಲ ಮನೆಗಳಲ್ಲೂ ಒಂದೇ ನೆಲವಿದ್ದರೆ, ಅದು ಗರಸಾಗಲಿ ಜೇಡಿಯಾಗಲಿ, ಮಟ್ಟ ಅದೇ. ಹರಿಯುವ ನೀರು ಮಾತ್ರ ಗರಸಿನಲ್ಲಿ ಜೇಡಿಯ ಹತ್ತು ಪಟ್ಟೋ ನೂರು ಪಟ್ಟೋ. ಹೀಗಾಗಿ ಬಾವಿಗಳ ಮಟ್ಟಕ್ಕೆ ಚೆನ್ನಾಗಿ ಹೊಂದಿದ ಮಾದರಿಯೂ ನೀರಿನ ಪ್ರಮಾಣದಲ್ಲಿ ಪೂರಾ ತಪ್ಪಿರಬಹುದು. ಕಚೇರಿಯ ಗೋಡೆಯ ಮೇಲಿನ ಬಣ್ಣದ ಚಿತ್ರದಲ್ಲಿ ಅದು ಗೊತ್ತಾಗುವುದಿಲ್ಲ. ಲಿಯೊನಾರ್ಡ್ ಕೊನಿಕೋ ಮತ್ತು ಜಾನ್ ಬ್ರೆಡೆಹೋಫ್ಟ್ ಎಂಬ ಇಬ್ಬರು, ಇಡೀ ಬದುಕು ಮಾದರಿ ಕಟ್ಟಿದವರೇ, 1992ರಲ್ಲಿ ಒಂದು ಪ್ರಬಂಧ ಬರೆದು ಅಂತರ್ಜಲ ಮಾದರಿಯನ್ನು ಸರಿ ಎಂದು ಸಾಬೀತು ಮಾಡಲು ಬಾರದು, ತಪ್ಪೆಂದು ತೋರಿಸಲು ಮಾತ್ರ ಸಾಧ್ಯ ಎಂದು ವಾದಿಸಿದರು. ಕಸುಬಿನವರಲ್ಲೇ ಗದ್ದಲವಾಯಿತು. ನನಗೆ ಅವರ ಮಾತು ಸರಿ ಅನಿಸುತ್ತದೆ. ದೇವದುರ್ಗವನ್ನೇ ನೋಡಿ. ಕೃಷ್ಣೆಯ ನಾರಾಯಣಪುರ ಬಲದಂಡೆ ಕಾಲುವೆ ಆ ತಾಲೂಕಿಗೆ ಬರುವ ಮುಂಚಿನ ಬಾವಿಗಳಿಗೆ ಹೊಂದಿಸಿದ ಮಾದರಿ, ಕಾಲುವೆ ಬಂದ ಮೇಲೆ ಎಷ್ಟು ಕೆಲಸಕ್ಕೆ ಬಂದೀತು? ಸೂತ್ರ ಕೆಡಲಿಲ್ಲ, ಊರೇ ಬದಲಾಯಿತು.

ಹಾಗೆಂದು ಮಾದರಿ ಬೇಡವೆಂದಲ್ಲ. ಅಳತೆ ಇದ್ದಲ್ಲಿ ಅದು ಕೆಲಸ ಮಾಡುತ್ತದೆ. ಗುಂಡ್ಲುಪೇಟೆಯ ಬೇರಂಬಾಡಿ ಎಂಬ ಸಣ್ಣ ಜಲಾನಯನದಲ್ಲಿ ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆ ಮತ್ತು ಫ್ರೆಂಚ್ ವಿಜ್ಞಾನಿಗಳು ಬಾವಿಯ ಮಟ್ಟ, ಮಣ್ಣಿನ ತೇವ, ಬೆಳೆ ಎಲ್ಲವನ್ನೂ ವರ್ಷಗಳಿಂದ ಅಳೆಯುತ್ತ, ಆ ಅಳತೆಯ ಮೇಲೆ ಮಾದರಿ ನಿಲ್ಲಿಸಿದ್ದಾರೆ. ತುಮಕೂರು ಜಿಲ್ಲೆಯ ಅಂಕಸಂದ್ರದಲ್ಲಿ ಕೇಂದ್ರ ಅಂತರ್ಜಲ ಮಂಡಳಿಯ ಪ್ರಾಯೋಗಿಕ ನಕ್ಷೆಗೆಂದು ಹೆಲಿಕಾಪ್ಟರಿನಿಂದ ನೆಲದಡಿಯನ್ನು ತಡವಿದ್ದೂ ಆಗಿದೆ. ಕೃಷ್ಣೆ, ತುಂಗಭದ್ರೆಗಳ ನಡುವಿನ ನಮ್ಮ ದೋ‌ಆಬಿಗೆ ಬೇಕಾದದ್ದು ಅಷ್ಟು ದುಬಾರಿಯದಲ್ಲ. ಕೊಳವೆಯೊಳಗೆ ಟೇಪು ಇಳಿಸಿ, ತುದಿ ಒದ್ದೆಯಾದ ಗುರುತು ಓದಿ, ಮೇ ತಿಂಗಳಲ್ಲೊಮ್ಮೆ, ನವೆಂಬರಿನಲ್ಲೊಮ್ಮೆ ಬರೆದಿಡುವ ಕೆಲಸ. ಹೈಸ್ಕೂಲಿನ ಮಕ್ಕಳು ಮಾಡಬಲ್ಲರು. ಜೊತೆಗೆ ಯಾರು ಎಷ್ಟು ತಾಸು ಮೋಟರ್ ಓಡಿಸಿದರು ಎಂಬ ಲೆಕ್ಕ. ಇದನ್ನು ಪಡೆಯುವುದೇ ಟೇಪಿಗಿಂತ ಕಷ್ಟ.

2024ರ ಆಗಸ್ಟ್ 10ರ ರಾತ್ರಿ ತುಂಗಭದ್ರಾ ಅಣೆಕಟ್ಟೆಯ 19ನೇ ಗೇಟು ಕಿತ್ತುಹೋದಾಗ ಎಡದಂಡೆಯ ರೈತರೆಲ್ಲ ಕೇಳಿದ್ದು ಒಂದೇ, ಬೆಳೆಗೆ ನೀರು ಬರುತ್ತದೋ ಇಲ್ಲವೋ. ಬಾವಿಗಳ ಗತಿ ಏನೆಂದು ಕೇಳಿದವರು ಕಡಿಮೆ. ಹಾಳೆ ಇನ್ನೂ ಕೈಯಲ್ಲಿದ್ದರೆ ನೋಡಿಬಿಡಿ. ಕಾಲುವೆಯ ಮನೆಯಲ್ಲಿ 10ರ ಬದಲು 6 ಬರೆಯಿರಿ, ಮಟ್ಟಗಳು ನೆಲೆಗೊಳ್ಳುವಷ್ಟು ಕಾಲ ಹಾಗೇ ಇರಲಿ. ಬೋರ್ ಇಲ್ಲದಿದ್ದರೆ ಬಾವಿಗಳು 5, 4, 3ಕ್ಕೆ ನಿಲ್ಲುತ್ತವೆ. ಕೊನೆಯ ಬಾವಿ ಹಳ್ಳಕ್ಕಿಂತ ಇನ್ನೂ 1 ಮೀಟರ್ ಮೇಲಿದೆ, ಹಳ್ಳಕ್ಕೆ ಒಂದಿಷ್ಟು ನೀರು ಒಸರುತ್ತಲೇ ಇರುತ್ತದೆ. ನಡುವಿನ ಮನೆಯ ಬೋರನ್ನೂ ಚಾಲೂ ಮಾಡಿ ಸುತ್ತು ಹಾಕಿ: 4, 2, 2. ಕೊನೆಯ ಬಾವಿಯೂ 2, ಹಳ್ಳವೂ 2. ಆ ಹಳ್ಳಕ್ಕೆ ಈ ಕಡೆಯಿಂದ ಬರುವ ನೀರು ಸೊನ್ನೆ.